ನೇಣುಗಾರನ ಮನೆಯ ಮುಂದೆ ನಿಂತವನು

"ನೀವು... ಹಾಂ, ನೀವೇ! ಬೂದು ಕೋಟು ಹಾಕಿದ್ದೀರಲ್ಲ, ಸ್ವಲ್ಪ ಮುಂದೆ ಬರ್ತೀರಾ?"

ಕೆಂಪು ಕೊಡೆಯ ತುದಿ ತನ್ನ ಕಡೆಗೇ ಚಾಚಿದ್ದನ್ನು ಕಂಡು ಅವನು ಹಿಂದಕ್ಕೆ ತಿರುಗಿ ನೋಡಿದ. ಹಿಂದೆ ಯಾರೂ ಇರಲಿಲ್ಲ. ಸಾಲಿನಲ್ಲಿ ಕೊನೆಯವನು ಅವನೇ!

"ನಾನಾ?"

"ನೀವೇ ಸಾರ್. ಹೆದರ್ಬೇಡಿ, ತಲೆ ತೆಗೆಯಲ್ಲ!"

ಜನ ಗೊಳ್ಳೆಂದರು. ಅವನು ಮೆಲ್ಲಗೆ ಮುಂದೆ ಬಂದು, ಅವಳು ತೋರಿಸಿದ ಕಲ್ಲಿನ ಮೆಟ್ಟಿಲ ಮೇಲೆ ನಿಂತ.

ಅವಳು ಆ ಹಳೆಯ ನಗರದ ಕರಾಳ ಕಾಲದ ಜಾಗಗಳನ್ನು ಪ್ರವಾಸಿಗರಿಗೆ ಕಾಲ್ನಡಿಗೆಯಲ್ಲಿ ತೋರಿಸುವ ಗೈಡ್. ದಿನವೂ ಬಿಸಿಲು ಇಳಿಯುವ ಹೊತ್ತಿಗೆ ಕೋಟೆಬಾಗಿಲಿನಿಂದ ಹೊರಡುತ್ತಿದ್ದಳು. ಮೊದಲು ಗಲ್ಲು ಚೌಕ. ಆಮೇಲೆ ಮಹಾಮಾರಿ ಬಂದಾಗ ಒಳಗಿದ್ದವರ ಸಮೇತ ಬಾಗಿಲಿಗೆ ಮೊಳೆ ಹೊಡೆದ ಓಣಿ. ಅಲ್ಲಿಂದ ಈ ನೇಣುಗಾರನ ಮನೆ. ಕೊನೆಗೆ, ಮಾಟಗಾತಿಯರೆಂದು ಹೆಂಗಸರನ್ನು ಮುಳುಗಿಸಿ ಪರೀಕ್ಷೆ ಮಾಡುತ್ತಿದ್ದ ಮೆಟ್ಟಿಲುಬಾವಿ. ಜನ ಅತಿ ಹೆಚ್ಚು ನಗುತ್ತಿದ್ದದ್ದು ನೇಣುಗಾರನ ಮನೆಯ ಮುಂದೆಯೇ.

"ನೋಡಿ, ನೇಣುಗಾರ ಇಲ್ಲದೆ ಊರು ನಡೀತಿರಲಿಲ್ಲ. ಆದ್ರೆ ಅವನನ್ನ ಯಾರೂ ಮುಟ್ತಿರಲಿಲ್ಲ! ಹೆಂಡದಂಗಡೀಲಿ ಅವನಿಗೆ ಬೇರೆ ಸ್ಟೂಲು, ಬೇರೆ ಲೋಟ. ಎದುರಿಗೆ ಬಂದ್ರೆ ಜನ ಏನ್ ಮಾಡ್ತಿದ್ರು ಗೊತ್ತಾ? ಎಲ್ಲಿ, ಎಲ್ಲರೂ ಒಂದ್ಸಲ ನಮ್ಮ ನೇಣುಗಾರರಿಗೆ ಬೆನ್ನು ತಿರುಗಿಸಿ ನಿಲ್ಲಿ!"

ಎಲ್ಲರೂ ಕಿಸಿಕಿಸಿ ನಗುತ್ತ ತಿರುಗಿ ನಿಂತರು.

ಗೈಡ್ ಮಾತ್ರ ಬೆನ್ನು ತಿರುಗಿಸುವಂತಿಲ್ಲ. ಹಾಗಾಗಿ ಅವನ ಮುಖ ಕಂಡದ್ದು ಅವಳೊಬ್ಬಳಿಗೇ.

ಸಾಮಾನ್ಯವಾಗಿ ಅಲ್ಲಿ ನಿಂತವರು ನಾಚುತ್ತಾರೆ, ಇಲ್ಲವೇ ಕಣ್ಣುಕೆಕ್ಕರಿಸಿ ನಾಟಕ ಮಾಡುತ್ತಾರೆ. ಇವನು ಎರಡನ್ನೂ ಮಾಡಲಿಲ್ಲ. ಪರಿಚಯದ ಜಾಗಕ್ಕೆ ಬಂದವನ ಹಾಗೆ, ಕೈಕಟ್ಟಿ ಸುಮ್ಮನೆ ನಿಂತಿದ್ದ.

ಅವಳಿಗೆ ಮುಂದಿನ ಸಾಲೇ ಮರೆತುಹೋಯಿತು!

ನಡಿಗೆ ಮುಗಿದು ಜನ ಚದುರಿದ ಮೇಲೆ ಅವನು ಹತ್ತಿರ ಬಂದ.

"ಒಂದು ಮಾತು. ತಿರುಗಿ ನಿಲ್ಲಿ ಅಂತ ಹೇಳಿಕೊಡೋ ಅಗತ್ಯ ಇರಲಿಲ್ಲ. ಜನಕ್ಕೆ ಅದು ತಾನಾಗೇ ಬರುತ್ತೆ."

"ಅದು... ತಮಾಷೆಗೆ ಸಾರ್."

"ಹೌದು. ಚೆನ್ನಾಗಿ ಮಾಡ್ತೀರಿ."

ವ್ಯಂಗ್ಯವೂ ಇರಲಿಲ್ಲ, ಕೋಪವೂ ಇರಲಿಲ್ಲ. ಅದೇ ಅವಳನ್ನು ಹೆಚ್ಚು ಚುಚ್ಚಿದ್ದು.

'ಯಾರಿವನು? ನನಗೆ ಪಾಠ ಹೇಳೋಕೆ!' ಎಂದು ಗೊಣಗುತ್ತಲೇ ಕೋಣೆಗೆ ಬಂದಳು. ಮೂರನೇ ಮಹಡಿಯ ಒಂದೇ ಕೋಣೆ. ಒಂದು ಕೆಟಲ್ಲು, ಒಂದು ತಟ್ಟೆ. ಕಿಟಕಿಯಾಚೆ ಇನ್ನೊಬ್ಬರ ಮನೆಯ ಗೋಡೆ. ದಿನಾ ಅಷ್ಟೊಂದು ಜನ ಅವಳ ಪಕ್ಕ ನಿಂತು ಫೋಟೋ ತೆಗೆಸಿಕೊಳ್ಳುತ್ತಾರೆ. ಎಷ್ಟೋ ದೂರದ ಮನೆಗಳ ಫೋನುಗಳಲ್ಲಿ ಅವಳು ನಗುತ್ತಿದ್ದಾಳೆ. ಆದರೆ ಊಟ ಆಯ್ತಾ ಎಂದು ಕೇಳುವ ಒಂದು ಫೋನು, ಅಮ್ಮ ಹೋದ ಮೇಲೆ, ಬಂದದ್ದೇ ಇಲ್ಲ.

ಚಹಾ ಕುದಿಯುವಾಗ ಇದ್ದಕ್ಕಿದ್ದಂತೆ ಹಳೆಯ ಮಾತೊಂದು ನೆನಪಾಯಿತು. ಅವಳಿಗೆ ಕೆಲಸ ಕಲಿಸಿದ ಹಿರಿಯ ಗೈಡ್ ಹೇಳಿದ್ದ ಮಾತು. ಮೈಕು ಬೇಡದ ಅವನ ದನಿಗೆ ಎಲ್ಲರೂ ಅವನನ್ನು ಗಂಟಲಣ್ಣ ಎನ್ನುತ್ತಿದ್ದರು. ಅವನು ಅವಳನ್ನು ಅವಳ ಕೆಂಪು ಕೊಡೆಯ ಹೆಸರಿನಿಂದಲೇ ಕರೆಯುತ್ತಿದ್ದ.

"ನೇಣುಗಾರನ ಪಾತ್ರಕ್ಕೆ ಒಂಟಿಯಾಗಿ ಬಂದವರನ್ನೇ ಆರಿಸು ಕೊಡೆ. ಪಕ್ಕದಲ್ಲಿ ಹೆಂಡತಿ ಇರೋನನ್ನ ಆರಿಸಿದ್ಯೋ, ಆಯಮ್ಮ ನಿನ್ನನ್ನೇ ಗಲ್ಲಿಗೆ ಹಾಕ್ತಾಳೆ!"

ಆಗ ನಕ್ಕಿದ್ದಳು. ಇಷ್ಟು ದಿನ ಹಾಗೇ ಮಾಡಿದ್ದಳು ಕೂಡ. ಗುಂಪಿನಲ್ಲಿ ಒಂಟಿ ಜೀವ ಯಾವುದೆಂದು ಅವಳ ಕಣ್ಣಿಗೆ ತಕ್ಷಣ ಗೊತ್ತಾಗುತ್ತಿತ್ತು.

'ಗೊತ್ತಾಗದೆ ಏನು... ನಾನೂ ಅದೇ ಅಲ್ವಾ?'

ಕೆಲವು ದಿನ ಕಳೆದು ಸಾಲಿನ ಕೊನೆಯಲ್ಲಿ ಮತ್ತೆ ಅದೇ ಬೂದು ಕೋಟು!

"ಮತ್ತೆ ಬಂದ್ರಾ? ಕಥೆ ಬದಲಾಗಲ್ಲ ಸಾರ್. ಸತ್ತವರು ಸತ್ತೇ ಇರ್ತಾರೆ."

ಅವನು ಮೊದಲ ಸಲ ನಕ್ಕ. ಎಡಗೆನ್ನೆ ಮಾತ್ರ ನಗುವ ಅರ್ಧ ನಗು. "ಅದು ನನಗೂ ಗೊತ್ತು ಬಿಡಿ."

ಅಂದು ನೇಣುಗಾರನಾಗಿ ಅವಳು ಯಾರನ್ನೂ ಆರಿಸಲಿಲ್ಲ. ಕಥೆಯನ್ನಷ್ಟೇ ಹೇಳಿದಳು. ನಗು ಕಡಿಮೆ ಬಂತು. ಆದರೆ ಜನ ಆ ಬಾಗಿಲನ್ನು ಹೆಚ್ಚು ಹೊತ್ತು ನೋಡಿದರು.

ಆಮೇಲೆ ಅವನು ರಜೆಯ ದಿನಗಳಲ್ಲೆಲ್ಲ ಬರತೊಡಗಿದ. ನಡಿಗೆ ಮುಗಿದ ಮೇಲೆ ಕೋಟೆಬಾಗಿಲ ಬಳಿಯ ಬೆಂಚಿನಲ್ಲಿ ಕಾಗದದ ಲೋಟದ ಚಹಾ. ಅವಳು ಅವನಿಗೆ 'ಕೊನೆಯವರು' ಎಂದು ಹೆಸರಿಟ್ಟಳು.

"ಅಲ್ಲಾ ಕೊನೆಯವರೇ, ಕೇಳಿದ ಕಥೇನೇ ಎಷ್ಟು ಸಲ ಕೇಳ್ತೀರಿ?"

"ಕೆಲಸದಲ್ಲಿ ಇಡೀ ದಿನ ನನ್ನ ಹತ್ರ ಯಾರೂ ಮಾತಾಡಲ್ಲ. ನೀವು ನಿಲ್ಲಿಸೋದೇ ಇಲ್ಲ. ಲೆಕ್ಕ ಸರಿಹೋಗುತ್ತೆ."

"ಅಬ್ಬಾ! ಹೊಗಳಿದ್ರೋ, ಬೈದ್ರೋ?"

"ಚಹಾ ಆರುತ್ತೆ, ಕುಡೀರಿ."

"ಅಂಥಾ ಕೆಲಸ ಏನ್ರೀ ಅದು?"

ಅವನು ಲೋಟದೊಳಗೆ ನೋಡಿದ. "ಆಸ್ಪತ್ರೇಲಿ... ಉಗ್ರಾಣ ನೋಡ್ಕೋತೀನಿ."

ಅವನ ಕೈ ಯಾವಾಗಲೂ ಸೋಪಿನ ವಾಸನೆ ಬೀರುತ್ತಿತ್ತು. ಬೆರಳ ಗೆಣ್ಣುಗಳು ಒಣಗಿ ಬಿರುಕು ಬಿಟ್ಟಿದ್ದವು. ಅವಳು ಒಮ್ಮೆ ಚೀಲದಿಂದ ತನ್ನ ಮುಲಾಮಿನ ಡಬ್ಬಿ ತೆಗೆದು ಅವನ ಮುಂದೆ ಇಟ್ಟಳು. ಅವನು ಹಚ್ಚಿಕೊಳ್ಳಲಿಲ್ಲ, ಜೇಬಿಗೆ ಹಾಕಿಕೊಂಡ. 'ವಿಚಿತ್ರ ಮನುಷ್ಯ!' ಎಂದುಕೊಂಡಳು. ಆದರೂ ಅಂದು ಕೋಣೆಗೆ ಹೋಗುವ ದಾರಿಯಲ್ಲಿ ಪಾತ್ರೆ ಅಂಗಡಿಯ ಮುಂದೆ ನಿಂತು, ಇನ್ನೊಂದು ತಟ್ಟೆ ಕೊಂಡಳು. ಯಾಕೆಂದು ತನ್ನನ್ನೇ ಕೇಳಿಕೊಳ್ಳಲಿಲ್ಲ.

ಎಲ್ಲ ಕೆಟ್ಟದ್ದು ಮೆಟ್ಟಿಲುಬಾವಿಯ ಹತ್ತಿರ.

ಅಂದು ಕಲ್ಲುಗಳು ಪಾಚಿಗಟ್ಟಿ ಜಾರುತ್ತಿದ್ದವು. ಅವಳು ಒಬ್ಬೊಬ್ಬರನ್ನೇ ಕೈಹಿಡಿದು ಇಳಿಸುತ್ತಿದ್ದಳು. ಕೊನೆಗೆ ಉಳಿದವನು ಅವನು. ಅವಳು ಕೈ ಚಾಚಿದಳು. ಅವನು ಒಂದು ಗಳಿಗೆ ಹಿಂಜರಿದು, ಆಮೇಲೆ ಹಿಡಿದುಕೊಂಡ. ಮೊದಲ ಸಲ!

ಎಷ್ಟು ಬೆಚ್ಚಗಿತ್ತು ಆ ಕೈ...

"ಅಯ್ಯೋ, ನೀವಾ?" ಕೆಳಗಿನ ಮೆಟ್ಟಿಲಿನಿಂದ ವಯಸ್ಸಾದ ಹೆಂಗಸೊಬ್ಬರು ಕೂಗಿದರು. "ನೀವು ಆಸ್ಪತ್ರೆಯ ಶವಾಗಾರದವರಲ್ವೇನಪ್ಪಾ? ನಮ್ಮ ಯಜಮಾನ್ರನ್ನ ತೊಳೆದು, ಗಡ್ಡ ತೆಗೆದು, ಮದುಮಗನ ಹಾಗೆ ಮಾಡಿ ಕೊಟ್ರಲ್ಲ! ನಿಮ್ಮನ್ನ ಹೇಗೆ ಮರೀಲಿ!"

ಸುತ್ತ ನಿಂತವರು ಅರಿಯದೆಯೇ ಒಂದೊಂದು ಹೆಜ್ಜೆ ಸರಿದರು.

ಅವಳ ಕೈ ಸರಕ್ಕನೆ ಹಿಂದೆ ಬಂತು.

ಅಸಹ್ಯದಿಂದಲ್ಲ. ದೇವರಾಣೆ, ಅಸಹ್ಯದಿಂದಲ್ಲ! ಅಮ್ಮ ತೀರಿಕೊಂಡಾಗ ಅವಳು ಬೇರೆ ಊರಿನಲ್ಲಿದ್ದಳು. ರೈಲು ಹಿಡಿದು ಬರುವಷ್ಟರಲ್ಲಿ ಅಮ್ಮ ಆ ಶವಾಗಾರದಲ್ಲಿ ಒಂದು ಹಗಲು, ಒಂದು ರಾತ್ರಿ ಕಳೆದಾಗಿತ್ತು. ಹೊರಗೆ ತಂದಾಗ ಅಮ್ಮನ ಜಡೆ ನೀಟಾಗಿ ಹೆಣೆದು, ಎಡಹೆಗಲ ಮುಂದೆ ಇಳಿಬಿಟ್ಟಿತ್ತು. ಬದುಕಿದ್ದಾಗ ಇರುತ್ತಿದ್ದ ಹಾಗೇ. ಅದನ್ನು ಹೆಣೆದ ಕೈ ಯಾವುದೆಂದು ಅವಳಿಗೆ ಗೊತ್ತಾಗಲೇ ಇಲ್ಲ.

'ಈ ಕೈಯೇ ಇರಬಹುದಾ...?'

ಇನ್ನೊಂದು ಗಳಿಗೆ ಹಿಡಿದಿದ್ದರೆ ಅಷ್ಟು ಜನರೆದುರು ಗೋಳೋ ಎಂದು ಅತ್ತುಬಿಡುತ್ತಿದ್ದಳು. ಅದಕ್ಕೇ ಬಿಟ್ಟಳು.

ಆದರೆ ಅವನಿಗೆ ಕಂಡದ್ದು ಹಿಂದೆ ಸರಿದ ಕೈ ಮಾತ್ರ.

ಅವನು ಆ ಹೆಂಗಸಿಗೆ ತಲೆಬಾಗಿದ. ಯಾರಿಗೂ ತಾಗದಂತೆ ಗೋಡೆಯ ಪಕ್ಕದಲ್ಲೇ ಮೇಲೆ ಹತ್ತಿ ಹೊರಟುಹೋದ.

"ರೀ... ನಿಲ್ಲಿ!"

ಓಡಬೇಕೆಂದು ಕಾಲು ಎತ್ತಿದಳು. ಆದರೆ ಕೆಳಗೆ, ಜಾರುವ ಮೆಟ್ಟಿಲುಗಳ ಮೇಲೆ, ಒಂದು ಗುಂಪು ಜನ ಅವಳನ್ನೇ ನೋಡುತ್ತ ನಿಂತಿತ್ತು. ಗೈಡ್ ಗುಂಪು ಬಿಟ್ಟು ಹೋಗುವಂತಿಲ್ಲ.

"ಮೇಡಂ, ಮುಳುಗಿದವಳು ಮಾಟಗಾತಿ ಅಲ್ಲ ಅಂತಾನಾ, ತೇಲಿದವಳಾ?" ಯಾರೋ ಕೇಳಿದರು.

"ಮುಳುಗಿದವಳು ಅಲ್ಲ," ಎಂದಳು. "ಆದ್ರೆ ಅದು ಗೊತ್ತಾಗೋ ಹೊತ್ತಿಗೆ... ತಡ ಆಗಿರ್ತಿತ್ತು."

ಆಮೇಲೆ ಅವನು ಬರಲಿಲ್ಲ.

ಅವಳು ದಿನವೂ ಕೋಟೆಬಾಗಿಲಿನಲ್ಲಿ ಒಂದು ನಿಮಿಷ ತಡಮಾಡಿ ಹೊರಟಳು. ಓಣಿಯ ತಿರುವಿನಲ್ಲಿ ಕತ್ತು ಉದ್ದ ಮಾಡಿ ಸಾಲಿನ ಕೊನೆ ನೋಡಿದಳು. ಅಲ್ಲಿ ಐಸ್‌ಕ್ರೀಮು ಮೆಲ್ಲುವ ದಂಪತಿ, ಇಲ್ಲವೇ ಶೂ ದಾರ ಕಟ್ಟಿಕೊಳ್ಳುವ ಯಾರೋ ಒಬ್ಬರು. ಚಹಾ ಒಬ್ಬಳೇ ಕುಡಿದಳು. ಹೊಸ ತಟ್ಟೆಯ ಮೇಲಿನ ಅಂಗಡಿಯ ಚೀಟಿ ಕೀಳಲೂ ಮನಸ್ಸಾಗಲಿಲ್ಲ.

ಒಂಟಿತನ ಅವಳಿಗೆ ಹೊಸದಲ್ಲ. ಆದರೆ ಈ ಸಲದ್ದು ಬೇರೆ. ಮೊದಲು ಯಾರೂ ಇರಲಿಲ್ಲ, ಅಷ್ಟೆ. ಈಗ ಒಬ್ಬ ಇಲ್ಲ.

ಗಂಟಲಣ್ಣ ಎಷ್ಟು ದಿನ ನೋಡಿಯಾನು? ಒಂದು ಬೆಳಿಗ್ಗೆ ಕಚೇರಿಯಲ್ಲಿ ಗುಡುಗಿದ.

"ಏ ಕೊಡೆ! ನಿನ್ನೆ ಮಹಾಮಾರಿ ಕಥೇನ ಹೇಗೆ ಹೇಳಿದ್ಯೋ, ಜನ ತಮಗೇ ಬಂದಿದೆ ಅಂದ್ಕೊಂಡ್ರು! ಏನಾಗಿದೆ ನಿಂಗೆ?"

ಅವಳು ಎಲ್ಲ ಹೇಳಿಬಿಟ್ಟಳು. ಜಡೆಯ ವಿಷಯವನ್ನೂ.

ಗಂಟಲಣ್ಣ ದನಿ ತಗ್ಗಿಸಿದ. ಅವನ ಜೀವನದಲ್ಲೇ ಅದು ದಾಖಲೆ!

"ಇದನ್ನ ನಂಗ್ಯಾಕೆ ಹೇಳ್ತಿದ್ದೀಯಾ?"

"ಮತ್ಯಾರಿಗೆ ಹೇಳ್ಲಿ?"

"ಊರಿಗೆಲ್ಲಾ ದಾರಿ ತೋರಿಸ್ತೀಯಾ, ಆಸ್ಪತ್ರೆ ಎಲ್ಲಿದೆ ಅಂತ ಗೊತ್ತಿಲ್ವೇನೇ? ಹೋಗು! ಸಂಜೆ ಗುಂಪನ್ನ ನಾನು ಕರ್ಕೊಂಡು ಹೋಗ್ತೀನಿ. ಮಂಡಿ ನೋವು ಬಂದ್ರೆ ನಿನ್ನನ್ನ ಬೈಕೋತೀನಿ, ಅಷ್ಟೆ."

ಆಸ್ಪತ್ರೆಯ ಹಿಂಭಾಗದಲ್ಲಿ, ಬಟ್ಟೆ ಒಗೆಯುವ ಕೋಣೆ ದಾಟಿದ ಮೇಲೆ ಇಳಿಜಾರು. ಅದರ ಕೊನೆಯಲ್ಲಿ ಹಸಿರು ಬಾಗಿಲು. ಅವಳು ಅಮ್ಮನಿಗಾಗಿ ಕಾದ ಬಾಗಿಲು ಅದೇ. ಒಂದು ಸಲ ತಿರುಗಿ ಬಂದ ದಾರಿಯತ್ತ ನೋಡಿದಳು. ಆದರೂ ಬಡಿದಳು.

ಬಾಗಿಲು ತೆರೆದವನು ಅವನೇ. ರಬ್ಬರಿನ ಏಪ್ರನ್, ಮೊಣಕೈವರೆಗೆ ಮಡಚಿದ ತೋಳು. ಅವಳನ್ನು ಕಂಡು ಮುಖ ಬಿಳಿಚಿಕೊಂಡಿತು.

"ಯಾರು... ಯಾರು ಹೋದ್ರು?"

ಈ ಬಾಗಿಲಿಗೆ ಜನ ಬೇರೆ ಯಾವ ಕಾರಣಕ್ಕೂ ಬರುವುದಿಲ್ಲವೆಂದು ಆಗ ಹೊಳೆಯಿತು ಅವಳಿಗೆ.

"ಯಾರೂ ಹೋಗಿಲ್ಲ. ನಿಮ್ಮನ್ನ ನೋಡೋಕೆ ಬಂದೆ."

"ಇಲ್ಲಿಗೆ ಯಾರೂ ನೋಡೋಕೆ ಬರಲ್ಲ."

"ನಾನು ಬಂದಿದ್ದೀನಲ್ಲ!"

ಅವನು ಬಾಗಿಲ ಚೌಕಟ್ಟಿಗೆ ಒರಗಿದ. "ನೋಡಿ, ನಿಮ್ಮದೇನೂ ತಪ್ಪಿಲ್ಲ. ಕೈ ಎಲ್ಲರದ್ದೂ ಹಿಂದೆ ಹೋಗುತ್ತೆ. ನನಗೆ ಮದುವೆ ನಿಶ್ಚಯ ಆದವಳದ್ದೂ ಹೋಗಿತ್ತು. ನಿಮ್ಮದೂ ಹೋಗೋದನ್ನ ನೋಡಬಾರದು ಅಂತಾನೇ ಉಗ್ರಾಣ ಅಂತ ಸುಳ್ಳು ಹೇಳ್ದೆ. ತಪ್ಪು ನಂದು."

"ಸ್ವಲ್ಪ ಬಾಯಿ ಮುಚ್ಚಿ ನನ್ನ ಮಾತು ಕೇಳ್ತೀರಾ? ಇಷ್ಟು ದಿನ ಕೇಳ್ತಿರಲಿಲ್ವಾ!"

ಅವಳು ಹೇಳಿದಳು. ರೈಲು, ಈ ಹಸಿರು ಬಾಗಿಲು, ಜಡೆ. ಅರ್ಧಕ್ಕೇ ಅಳು ಬಂತು. ಅಳುತ್ತಲೇ ಹೇಳಿ ಮುಗಿಸಿದಳು.

"ಹೆದರಿ ಕೈ ಬಿಡಲಿಲ್ಲ ನಾನು. ಅಲ್ಲೇ ಕುಸಿದುಬಿಡ್ತೀನಿ ಅನ್ನಿಸ್ತು, ಅದಕ್ಕೆ ಬಿಟ್ಟೆ. ಹೇಳಿ... ನೀವೇನಾ? ಆ ಜಡೆ?"

ಹೌದು ಎಂದರೆ ಸಾಕಿತ್ತು. ಅದು ಅವನಿಗೂ ಗೊತ್ತಿತ್ತು.

"ಗೊತ್ತಿಲ್ಲ," ಎಂದ. "ಇಲ್ಲಿ ನಾವು ಇಬ್ಬರು ಪಾಳಿಯಲ್ಲಿ ಇರ್ತೀವಿ. ಜಡೆ ಇಬ್ಬರೂ ಹಾಕ್ತೀವಿ. ಎಷ್ಟೋ ತಾಯಂದಿರಿಗೆ ಹಾಕಿದ್ದೀನಿ, ಮುಖ ಎಲ್ಲಾ ನೆನಪಿರಲ್ಲ. ಸುಳ್ಳು ಹೇಳಲಾರೆ."

"ಮತ್ತೆ ಎಡಗಡೆ ಅಂತ ಹೇಗೆ ಗೊತ್ತಾಗುತ್ತೆ?"

"ಕೂದಲೇ ಹೇಳುತ್ತೆ. ವರ್ಷಗಟ್ಟಲೆ ಯಾವ ಕಡೆ ಹಾಕಿರ್ತಾರೋ, ಆ ಕಡೆ ತಾನಾಗೇ ಬಾಗಿರುತ್ತೆ."

ಅವಳು ಕೆನ್ನೆ ಒರೆಸಿಕೊಂಡಳು. "ಅವರ ಹತ್ರ... ಮಾತಾಡ್ತೀರಾ?"

"ಜಾಸ್ತಿ ಏನಿಲ್ಲ. ನೀರು ಸ್ವಲ್ಪ ತಣ್ಣಗಿದೆ, ಬೇಜಾರು ಮಾಡ್ಕೋಬೇಡಿ ಅಂತೀನಿ."

ಅಷ್ಟು ಸಾಕಾಗಿತ್ತು. ಎಷ್ಟೋ ದಿನಗಳಿಂದ ಎದೆಯೊಳಗೆ ಹೆಪ್ಪುಗಟ್ಟಿದ್ದು ಕರಗಿ ಇಳಿಯಿತು. ಆ ಒಂದು ರಾತ್ರಿ ಅಮ್ಮ ಒಬ್ಬಳೇ ಇರಲಿಲ್ಲ. ಯಾರದೋ ಕೈ, ಯಾರದೋ ಮಾತು ಜೊತೆಗಿತ್ತು!

"ಹೌದು, ನಾನೇ ಅಂದಿದ್ರೆ ನಂಬಿಬಿಡ್ತಿದ್ದೆ," ಎಂದಳು.

"ಗೊತ್ತು. ಅದಕ್ಕೇ ಹೇಳಲಿಲ್ಲ. ನಿಮ್ಮ ಹತ್ರ ಒಂದು ಸುಳ್ಳು ಹೇಳಿದ್ದೇ ಸಾಕು."

"ಇನ್ನು ಹೇಳಬೇಡ." ಬಹುವಚನ ಎಲ್ಲಿ ಜಾರಿಬಿತ್ತೋ ಅವಳಿಗೇ ತಿಳಿಯಲಿಲ್ಲ. "ನಂಗೆ ನೀನು ಬೇಕು ಕಣೋ. ನೀನಿಲ್ಲದೆ ಆ ಸಾಲಿಗೆ ಕೊನೇನೇ ಇಲ್ಲ. ಹಿಂದೆ ನೋಡಿ ನೋಡಿ ನನ್ನ ಕತ್ತು ಉಳುಕಿದೆ!"

ಅವನ ಎಡಗೆನ್ನೆ ನಕ್ಕಿತು. ಆಮೇಲೆ, ಅವಳು ಎಂದೂ ನೋಡಿರದ ಹಾಗೆ, ಬಲಗೆನ್ನೆಯೂ. ಕಣ್ಣು ಮಾತ್ರ ತುಂಬಿ ಬಂದಿತ್ತು.

"ನಂಗೂ... ಮೊದಲನೇ ದಿನದಿಂದ. ಎಲ್ಲರೂ ತಿರುಗಿ ನಿಂತಾಗ ನೀನೊಬ್ಬಳೇ ನೋಡ್ತಿದ್ದೆ."

"ಅದು ನನ್ನ ಕೆಲಸ ಆಗಿತ್ತು."

"ಆಗಿದ್ರೂ."

ಅವಳು ಕೈ ಚಾಚಿದಳು. ಅವನು ತಟ್ಟನೆ ತನ್ನ ಕೈಗಳನ್ನು ಬೆನ್ನ ಹಿಂದೆ ಇಟ್ಟುಕೊಂಡ.

"ತಡಿ, ತೊಳ್ಕೊಂಡು ಬರ್ತೀನಿ."

"ಎಷ್ಟು ಹೊತ್ತು?"

"ನಾನು ತುಂಬಾ ಹೊತ್ತು ತೊಳೀತೀನಿ."

"ಗೊತ್ತು, ಗೆಣ್ಣು ನೋಡಿದ್ರೇ ಗೊತ್ತಾಗುತ್ತೆ. ನಡಿ, ನಾನೂ ತೊಳ್ಕೋಬೇಕು. ಬಸ್ಸಿನ ಕಂಬಿ ಹಿಡ್ಕೊಂಡು ಬಂದಿದ್ದೀನಿ."

ಒಳಗೆ, ಒಂದೇ ನಲ್ಲಿಯ ಕೆಳಗೆ, ಇಬ್ಬರ ಕೈಗಳೂ ನೆನೆದವು.

"ನೀರು ಸ್ವಲ್ಪ ತಣ್ಣಗಿದೆ," ಎಂದ ಅವನು, ಅಭ್ಯಾಸಬಲದಿಂದ.

"ಇರಲಿ ಬಿಡು," ಎಂದಳು ಅವಳು.