ಹತ್ತೊಂಬತ್ತು ಸಾಕ್ಷಿ

ಭಾವ ತನ್ನ ಪುಸ್ತಕದ ಮುಖಪುಟವನ್ನು ಊಟದ ಮೇಜಿನ ಮೇಲೆ ಹರಡಿದಾಗ ಮಾಸ್ತರನ ಬಾಯಲ್ಲಿ ತುತ್ತಿತ್ತು. 'ಕೇರಿಯ ಹಳೇ ಹುಲಿಗಳು' ಎಂದು ಕೆಂಪಕ್ಷರದಲ್ಲಿ ಬರೆದಿತ್ತು. ಅದಕ್ಕಿಂತ ದಪ್ಪ ಅಕ್ಷರದಲ್ಲಿ ಭಾವನ ಹೆಸರಿತ್ತು. ಮಾಸ್ತರ ತುತ್ತು ನುಂಗಿ ತನ್ನ ಹೆಸರು ಹುಡುಕಿದ. ಮುಂದೆ ಇರಲಿಲ್ಲ, ಹಿಂದೆ ತಿರುಗಿಸಿದರೆ ಅಲ್ಲೂ ಇರಲಿಲ್ಲ. ಕೊನೆಗೆ ಒಳಪುಟದ ಕರಡಿನಲ್ಲಿ, 'ಕೃತಜ್ಞತೆಗಳು' ಎಂಬಲ್ಲಿ ಸಿಕ್ಕಿತು. ಮೊದಲು ಫೋಟೊ ಸ್ಟುಡಿಯೊದವರು, ಆಮೇಲೆ ಆಫೀಸಿಗೆ ಚಹಾ ತಂದುಕೊಡುವವರು, ಮೂರನೆಯ ಸಾಲಿನಲ್ಲಿ ಮಾಸ್ತರ.

"ಭಾವ, ಇದರಲ್ಲಿರೋದೆಲ್ಲ ನನ್ನ ನೋಟ್‌ಬುಕ್ಕಲ್ಲಿ ಇರೋದು."

"ಹೌದಪ್ಪ, ಅದಕ್ಕೇ ನಿನ್ನ ಹೆಸರು ಹಾಕಿಸಿದೀನಲ್ಲ."

"ಮೂರನೇ ಸಾಲಲ್ಲಿ."

"ಮನೆಯೋರ ಮಧ್ಯೆ ನಿಂದು ನಂದು ಅಂತ ಏನೋ? ಊಟ ಮಾಡು." ಭಾವ ಮುಖಪುಟವನ್ನು ಎಣ್ಣೆ ತಾಗದಂತೆ ಮಡಿಸಿಟ್ಟುಕೊಂಡ. "ಶನಿವಾರ ಆ ನೋಟ್‌ಬುಕ್ಕನ್ನ ಪ್ರೆಸ್ಸಿಗೆ ನಾನೇ ತಗೊಂಡು ಹೋಗ್ತೀನಿ. ಬೇರೆ ಯಾರ ಕೈಗೂ ಕೊಡಲ್ಲ. ಇರೋದು ಅದೊಂದೇ ಪ್ರತಿ ನೋಡು."

ಇದಕ್ಕಿಂತ ಹೊಟ್ಟೆ ಉರಿಯುವ ಮಾತು ಇನ್ನೊಂದಿದ್ದರೆ ಹೇಳಿ.

ಮಾಸ್ತರ ಯಾವ ಶಾಲೆಯಲ್ಲೂ ಪಾಠ ಮಾಡಿದವನಲ್ಲ. ಹನ್ನೊಂದು ವರ್ಷದಿಂದ ದಿನಾ ಸಂಜೆ ನಾಲ್ಕಕ್ಕೆ ಹಳೆ ಮಾರುಕಟ್ಟೆಯ ಗೇಟಿನಲ್ಲಿ ಪ್ರವಾಸಿಗರನ್ನು ಕೂಡಿಸಿಕೊಂಡು, ಒಂದು ಕಾಲದಲ್ಲಿ ಈ ಕೇರಿಯನ್ನು ಆಳಿದ ರೌಡಿ ಗುಂಪುಗಳ ಕತೆ ಹೇಳುತ್ತ ಸಂದಿಗೊಂದಿ ಸುತ್ತಿಸುವುದು ಅವನ ಕೆಲಸ. ಕಂಪನಿ ಭಾವನದು. ಕಾಲು, ಗಂಟಲು ಮಾಸ್ತರನವು. ಮೊದಮೊದಲು ಹೇಳಲು ನಾಲ್ಕು ಕತೆಯೂ ಇರಲಿಲ್ಲ. ಮಾಸ್ತರ ರೌಡಿಗಳ ವಿಧವೆಯರ ಮನೆ ಬಾಗಿಲು ಕಾದ, ಜೈಲಿನ ಹಳೆ ಅಡುಗೆಯವನಿಗೆ ವರ್ಷಗಟ್ಟಲೆ ಹೊಗೆಸೊಪ್ಪು ಒದಗಿಸಿದ, ಒಬ್ಬ ಮುದುಕಿಯ ಕಣ್ಣಿಗೆ ಔಷಧಿ ಬಿಡುತ್ತ ಆರು ತಿಂಗಳು ಕತೆ ಕೇಳಿಸಿಕೊಂಡ. ಎಲ್ಲವನ್ನೂ ನೀಲಿ ರಟ್ಟಿನ ಉದ್ದನೆಯ ನೋಟ್‌ಬುಕ್ಕಿನಲ್ಲಿ ಬರೆದಿಟ್ಟ. ಟೈಪು ಮಾಡಿಸಿಕೊಡುತ್ತೇನೆಂದು ಭಾವ ಇಸಿದುಕೊಂಡು ಹೋದದ್ದು ಆ ನೋಟ್‌ಬುಕ್ಕನ್ನೇ.

ಅದನ್ನು ವಾಪಸು ಕದಿಯಬೇಕು ಎಂದು ಮಾಸ್ತರ ಕೈ ತೊಳೆಯುವಾಗಲೇ ತೀರ್ಮಾನಿಸಿದ. ಜಗಳಕ್ಕೆ ಹೋದರೆ ಅಕ್ಕ ನಡುವೆ ಸಿಕ್ಕಿ ಅಳುತ್ತಾಳೆ. ಅಲ್ಲದೆ ಅವನಿರುವುದು ಭಾವನ ಮನೆಯ ಮಹಡಿ ಕೋಣೆಯಲ್ಲಿ. ನೋಟ್‌ಬುಕ್ಕು ಕಳ್ಳತನವಾದರೆ ಯಾರ ಮೇಲೂ ದೂರಿಲ್ಲ. ಒಂದು ವರ್ಷ ಬಿಟ್ಟು ತಾನೇ ನೆನಪಿನಿಂದ ಬರೆದೆನೆಂದು ಪುಸ್ತಕ ತಂದರೆ ಯಾರು ಕೇಳುತ್ತಾರೆ?

ಅಪರಾಧದ ವಿಷಯದಲ್ಲಿ ಮಾಸ್ತರನಿಗೆ ತನ್ನ ಮೇಲೆ ಅಪಾರ ವಿಶ್ವಾಸ. ಇರಬೇಕಾದ್ದೇ. ಈ ಕೇರಿಯಲ್ಲಿ ಯಾರು ಯಾಕೆ ಸಿಕ್ಕಿಬಿದ್ದರು ಎಂಬುದು ಅವನಿಗೆ ಬಾಯಿಪಾಠ. 'ಬೆಣ್ಣೆ' ಎಂಬ ದೊಡ್ಡ ರೌಡಿ ತಲೆಮರೆಸಿಕೊಂಡಾಗಲೂ ದಿನಾ ಅದೇ ಕ್ಷೌರದಂಗಡಿಗೆ ಹೋಗಿ, ಮುಖದ ತುಂಬ ನೊರೆ ಇದ್ದಾಗ ಸಿಕ್ಕಿಬಿದ್ದ. 'ಉದ್ದಕೈ' ಎಂಬ ಕಳ್ಳ ಇನ್ನೂ ವಿಚಿತ್ರ. ಬಾಗಿಲ ಸಂದಿಗೆ ಸ್ಟೀಲಿನ ಸ್ಕೇಲು ತೂರಿಸಿ ಒಳಗಿನ ಅಗುಳಿ ಎತ್ತುತ್ತಿದ್ದ. ಆದರೆ ಕಂಡವರ ಮನೆಗೂ ಕಾಲೊರೆಸಿಕೊಂಡೇ ಹೋಗುತ್ತಿದ್ದ. ಕಳುವಾದ ಮನೆಗಳ ಕಾಲೊರಸು ನೋಡಿ ಪೊಲೀಸರು ಅವನ ಚಪ್ಪಲಿ ಗುರುತು ಹಿಡಿದರು. "ಪೊಲೀಸರು ಬಿಟ್ರೂ ಅಭ್ಯಾಸ ಬಿಡಲಿಲ್ಲ ನೋಡಿ," ಎಂದು ಮಾಸ್ತರ ಹೇಳಿದಾಗ ಪ್ರವಾಸಿಗರು ಹನ್ನೊಂದು ವರ್ಷದಿಂದ ತಪ್ಪದೆ ನಗುತ್ತ ಬಂದಿದ್ದರು.

ಆದ್ದರಿಂದ ಮಾಸ್ತರ ಮೊದಲು ತನ್ನ ಅಭ್ಯಾಸಗಳ ಪಟ್ಟಿ ಮಾಡಿದ. ಗಾಬರಿಯಾದರೆ ಕೆಮ್ಮು ಬರುತ್ತದೆ, ಅದಕ್ಕೆ ಜೇಬಿನಲ್ಲಿ ಕೆಮ್ಮಿನ ಗುಳಿಗೆ. ಚಪ್ಪಲಿ ಕಿರ್ ಎನ್ನುತ್ತದೆ, ಅದಕ್ಕೆ ಕ್ಯಾನ್ವಾಸ್ ಶೂ. ಮಾಡುವ ಕೆಲಸವನ್ನು ಬಾಯಲ್ಲಿ ವಿವರಿಸುವ ಚಟವಿದೆ. ಗುಳಿಗೆ ಬಾಯಲ್ಲಿದ್ದರೆ ಅದಕ್ಕೂ ಮದ್ದಾಯಿತು. ಆದರೂ ಸಮಾಧಾನವಾಗದೆ ಅಡುಗೆಮನೆಗೆ ಹೋಗಿ, "ಅಕ್ಕ, ನನಗೇನೇನು ಕೆಟ್ಟ ಅಭ್ಯಾಸ ಇದೆ?" ಎಂದು ಕೇಳಿದ.

ಅಕ್ಕ ಸ್ಟವ್ ಆರಿಸಿ ಸ್ಟೂಲು ಎಳೆದುಕೊಂಡಳು. "ಕೂತ್ಕೊ, ಹೇಳ್ತೀನಿ."

ಅರ್ಧ ಗಂಟೆ ಹೇಳಿದಳು. ಒದ್ದೆ ಟವಲು ಮಂಚದ ಮೇಲೆ ಎಸೆಯುತ್ತಾನಂತೆ. ಚಹಾ ಲೋಟ ಎಲ್ಲಿ ಕುಡಿದನೋ ಅಲ್ಲೇ ಬಿಡುತ್ತಾನಂತೆ. ತೆಗೆದ ಬಾಗಿಲನ್ನು ಹುಟ್ಟಿದಾಗಿನಿಂದ ಒಂದು ಸಲವೂ ಮುಚ್ಚಿಲ್ಲವಂತೆ. ಬಾಗಿಲಿನ ವಿಷಯ ಮಾಸ್ತರನನ್ನು ನಡುಗಿಸಿತು. ಅಂದಿನಿಂದ ಮೂರು ದಿನ ಮನೆಯ ಎಲ್ಲ ಬಾಗಿಲುಗಳನ್ನು ಮುಚ್ಚಿ ಮುಚ್ಚಿ ಅಭ್ಯಾಸ ಮಾಡಿದ. ಬಚ್ಚಲಮನೆ ಬಾಗಿಲಿನ ಮೇಲೆ ಸ್ಕೇಲಿನ ಪ್ರಯೋಗವನ್ನೂ ಮಾಡಿದ. ಎರಡು ಕೈಯೂ ಬೇಕಿತ್ತು, ಬಾಗಿಲನ್ನು ಎಳೆದು ಹಿಡಿಯಲು ಒಂದು, ಸ್ಕೇಲಿಗೆ ಇನ್ನೊಂದು. ಮೂರನೆಯ ಸಲಕ್ಕೆ ಅಗುಳಿ ಟಕ್ಕನೆ ಎದ್ದಿತು. ಒಳಗೆ ಭಾವ ಸ್ನಾನ ಮಾಡುತ್ತಿದ್ದದ್ದು ಮಾತ್ರ ಅವನಿಗೆ ಗೊತ್ತಿರಲಿಲ್ಲ.

"ಅಗುಳಿ ಸಡಿಲ ಆಗಿದೆ ಭಾವ, ನೋಡ್ತಾ ಇದ್ದೆ," ಎಂದ.

"ಮೈ ಒರೆಸಿಕೊಂಡ ಮೇಲೆ ನೋಡೋ," ಎಂದ ಭಾವ.

ಇನ್ನು ಸಮಯ. ಕೇರಿಯ ಸುತ್ತಾಟದಲ್ಲಿ ಐದನೆಯ ನಿಲುಗಡೆ ಮುಚ್ಚಿಹೋದ ಸೋಡಾ ಫ್ಯಾಕ್ಟರಿಯ ಅಂಗಳ. ಅಲ್ಲಿ ಒಬ್ಬ ನಿವೃತ್ತ ಪೇದೆ ಬೆಂಚಿನ ಮೇಲೆ ಕೂತು ತಾನೇ ಕಂಡ ಗುಂಡಿನ ಕಾಳಗದ ಕತೆ ಹೇಳುತ್ತಾನೆ. ಐದು ಗಂಟೆಗೆ ಶುರು, ಸರಿಯಾಗಿ ಹನ್ನೊಂದು ನಿಮಿಷ. ಗುಂಡು ತಾಗಿದ ಮೊಣಕೈ ತೋರಿಸಲು ಅಂಗಿಯ ತೋಳು ಮಡಿಸುವುದೂ ಅದರಲ್ಲೇ ಸೇರಿದೆ. ಆ ಹೊತ್ತಿನಲ್ಲಿ ಮಾಸ್ತರ ಗೇಟಿನ ಹತ್ತಿರದ ಕಲ್ಲಿನ ಮೇಲೆ ಕೂತು ನೀರು ಕುಡಿಯುತ್ತಾನೆ. ಯಾರೂ ಅವನ ಕಡೆ ನೋಡುವುದಿಲ್ಲ. ಗೇಟಿನ ಪಕ್ಕದ ಸಂದಿ ಹಿಡಿದರೆ ಎರಡೇ ನಿಮಿಷಕ್ಕೆ ಭಾವನ ಆಫೀಸಿನ ಹಿಂಬಾಗಿಲು. ಆ ಸಂದಿಗೆ ನಾಯಿ ಸಹ ಬರುವುದಿಲ್ಲ. ಹೋಗಲು ಎರಡು, ಬರಲು ಎರಡು, ಒಳಗೆ ನಾಲ್ಕು, ಕೈಯಲ್ಲಿ ಮೂರು ನಿಮಿಷ ಉಳಿಕೆ. ಶುಕ್ರವಾರ ಐದಕ್ಕೆ ಭಾವ ಸ್ಟುಡಿಯೊದಲ್ಲಿರುತ್ತಾನೆ, ಪುಸ್ತಕದ ಹಿಂಬದಿಗೆ ಫೋಟೊ ತೆಗೆಸಲು. ಗಲ್ಲಕ್ಕೆ ಕೈಕೊಟ್ಟು ಯೋಚಿಸುವ ಭಂಗಿಯನ್ನು ಆಗಲೇ ಕನ್ನಡಿಯ ಮುಂದೆ ಎರಡು ದಿನ ಅಭ್ಯಾಸ ಮಾಡಿದ್ದ.

ನೋಟ್‌ಬುಕ್ಕು ಆಫೀಸಿನ ಬೀರುವಿನಲ್ಲಿ, ಅದರ ಕೀಲಿ ಕ್ಯಾಲೆಂಡರಿನ ಹಿಂದೆ. ಬೀರು ತೆರೆದು ನೋಟ್‌ಬುಕ್ಕು ಅಂಗಿಯೊಳಗೆ. ಅದೊಂದನ್ನೇ ಕದ್ದರೆ ಮನೆಯವರ ಮೇಲೇ ಅನುಮಾನ ಬರುತ್ತದೆ, ಅದಕ್ಕಾಗಿ ಗೋಡೆಯ ಗಡಿಯಾರವನ್ನೂ ಕಿತ್ತುಕೊಂಡು ಹೋಗಿ ಸಂದಿಯ ಕಸದ ರಾಶಿಗೆ ಎಸೆಯುವುದು. ಯಾರೋ ಪುಡಿಗಳ್ಳ ಬಂದಿದ್ದ ಎಂದಾಗುತ್ತದೆ. ಪೊಲೀಸರು ಕೇಳಿದರೆ ಮಾಸ್ತರ ಸೋಡಾ ಫ್ಯಾಕ್ಟರಿಯಲ್ಲಿದ್ದ. ಸಾಕ್ಷಿಗೆ ಗುಂಪಿನ ಅಷ್ಟೂ ಜನ, ಜೊತೆಗೆ ಒಬ್ಬ ಪೇದೆ. ಬೆಣ್ಣೆಗಾಗಲಿ ಉದ್ದಕೈಗಾಗಲಿ ಇಂಥ ಸಾಕ್ಷಿ ಸಿಕ್ಕಿತ್ತೇ?

ಶುಕ್ರವಾರ ಹತ್ತೊಂಬತ್ತು ಜನ ಬಂದರು. ಮಾಸ್ತರ ಗೇಟಿನಲ್ಲಿ ಎಂದಿನ ಪಾಠ ಒಪ್ಪಿಸಿದ. "ಕುಳ್ಳಗಿರೋರು ಮುಂದೆ, ಎತ್ತರ ಇರೋರು ಹಿಂದೆ ನಿಲ್ಲಿ, ಎಲ್ಲರಿಗೂ ಕಾಣ್ಬೇಕು. ನಾನು ಹೇಳೋದು ಅರ್ಧ ಕೇಳಿಸದಿದ್ರೂ ನಡೆಯತ್ತೆ, ನನ್ನ ಕೈಲಿರೋ ಈ ಕೊಡೆ ಮಾತ್ರ ಕಣ್ಣಿಂದ ಬಿಡಬೇಡಿ, ಈ ಸಂದೀಲಿ ಕಳೆದುಹೋದೋರು ಪೊಲೀಸರಿಗೇ ಸಿಕ್ಕಿಲ್ಲ. ಚೆನ್ನಾಗಿದ್ರೆ ವಿಡಿಯೊ ಮಾಡಿ ಆಫೀಸ್ ನಂಬರಿಗೆ ಕಳಿಸಿ. ಚೆನ್ನಾಗಿಲ್ದಿದ್ರೆ ನನಗೊಬ್ಬನಿಗೇ ಹೇಳಿ." ಎಲ್ಲರೂ ನಕ್ಕರು. ದಪ್ಪ ಕನ್ನಡಕದ ಒಬ್ಬ ಹೆಂಗಸು ನಗಲಿಲ್ಲ. ಅವಳು ಪ್ರತಿ ನಿಲುಗಡೆಯಲ್ಲೂ, "ಇದು ನಿಜವಾಗ್ಲೂ ನಡೆದದ್ದಾ, ಇಲ್ಲ ಕಟ್ಟಿದ್ದಾ?" ಎಂದು ಕೇಳುತ್ತ ಬಂದಳು. ಉದ್ದಕೈಯ ಸ್ಕೇಲಿನ ವಿಷಯದಲ್ಲಂತೂ, "ಸ್ಕೇಲಲ್ಲಿ ಬಾಗಿಲು ತೆಗೆಯೋಕಾಗತ್ತಾ? ಕಣ್ಣಾರೆ ನೋಡಿದ್ರೆ ನಂಬ್ತೀನಿ," ಎಂದಳು. ಬೇರೆ ದಿನವಾಗಿದ್ದರೆ ಮಾಸ್ತರನಿಗೆ ರೇಗುತ್ತಿತ್ತು. ಇಂದು ಅವಳನ್ನು ಕಂಡು ಹೃದಯ ತುಂಬಿ ಬಂತು. ನ್ಯಾಯಾಲಯದಲ್ಲಿ ಇಂಥವಳು ಹೇಳಿದ ಮಾತಿಗೆ ತೂಕವಿರುತ್ತದೆ.

ಸೋಡಾ ಫ್ಯಾಕ್ಟರಿಯಲ್ಲಿ, "ಗಂಟೆ ಎಷ್ಟಾಯ್ತು?" ಎಂದು ಎಲ್ಲರಿಗೂ ಕೇಳುವಂತೆ ಕೇಳಿದ. ಐದು ಎಂದರು. ಪೇದೆ ಗಂಟಲು ಸರಿಪಡಿಸಿಕೊಂಡು, "ಅವತ್ತು ನನಗೆ ಜ್ವರ ಇತ್ತು..." ಎಂದು ಶುರು ಮಾಡಿದ. ಮಾಸ್ತರ ಕಲ್ಲಿನ ಮೇಲೆ ಕೂತ, ನೀರು ಕುಡಿದ, ಬಾಯಿಗೆ ಗುಳಿಗೆ ಹಾಕಿಕೊಂಡ, ಎದ್ದ, ಹೊರಟ.

ಕೆಮ್ಮು ಬರಲಿಲ್ಲ. ಶೂ ಸದ್ದು ಮಾಡಲಿಲ್ಲ. ಹಿಂತಿರುಗಿ ನೋಡಲೂ ಇಲ್ಲ, ಏಕೆಂದರೆ ಹಿಂತಿರುಗಿ ನೋಡುವವರ ಮೇಲೇ ಜನರಿಗೆ ಸಂಶಯ ಎಂದು ಬೆಣ್ಣೆಯ ವಿಧವೆ ಹೇಳಿದ್ದಳು. ಹಿಂಬಾಗಿಲಲ್ಲಿ ಎರಡು ಕೈಯನ್ನೂ ಬಿಡಿಸಿಕೊಂಡು ಸ್ಕೇಲು ತೂರಿಸಿದ. ಅಗುಳಿ ಮೊದಲ ಸಲಕ್ಕೇ ಎದ್ದಿತು. ಒಳಗೆ ಹೋಗಿ ಬಾಗಿಲು ಮುಚ್ಚಿದ. ಮುಚ್ಚಿದ್ದಕ್ಕೆ ಅಕ್ಕನ ನೆನಪಾಗಿ ಹೆಮ್ಮೆ ಎನಿಸಿತು.

ಕ್ಯಾಲೆಂಡರ್, ಕೀಲಿ, ಬೀರು. ನೀಲಿ ನೋಟ್‌ಬುಕ್ಕು ಮೇಲಿನ ಅರೆಯಲ್ಲೇ ಇತ್ತು. ಬೇಡವೆಂದರೂ ತೆರೆದ. ಕಣ್ಣಿನ ಔಷಧಿಯ ಮುದುಕಿ ಹೇಳಿದ ಮೊದಲ ಕತೆ, ಅವಳು ತೀರಿಕೊಂಡ ದಿನ ಅಂಚಿನಲ್ಲಿ ಬರೆದಿಟ್ಟ ತಾರೀಖು, ಎಲ್ಲ ಅವನದೇ ಅಕ್ಷರ. ಮಾಸ್ತರನಿಗೆ ಅಳು ಬಂತು. ಉಳಿಕೆಯ ಮೂರು ನಿಮಿಷದಲ್ಲಿ ಒಂದನ್ನು ಅತ್ತು ಮುಗಿಸಿದ. ಆಮೇಲೆ ನೋಟ್‌ಬುಕ್ಕನ್ನು ಅಂಗಿಯೊಳಗೆ ತುರುಕಿ, ಕುರ್ಚಿ ಹತ್ತಿ ಗಡಿಯಾರ ಕಿತ್ತ. ಹಿಂದಿನ ಕಿಟಕಿಯಾಚೆ ಯಾರೋ ಮೆತ್ತಗೆ ಶ್ ಎಂದಂತೆ ಕೇಳಿಸಿತು. ಪಾರಿವಾಳ ಇರಬೇಕು ಎಂದುಕೊಂಡ. ಗಡಿಯಾರವನ್ನು ಕಂಕುಳಿಗೆ ಸಿಕ್ಕಿಸಿ ಬಾಗಿಲು ತೆರೆದ.

ಸಂದಿಯಲ್ಲಿ ಹತ್ತೊಂಬತ್ತು ಜನ ನಿಂತಿದ್ದರು, ಕುಳ್ಳಗಿರುವವರು ಮುಂದೆ, ಎತ್ತರದವರು ಹಿಂದೆ. ಎಲ್ಲರ ಫೋನೂ ಮೇಲೆದ್ದಿತ್ತು. ಮಾಸ್ತರ ಹೊಸ್ತಿಲಿನ ಮೇಲೆ ನಿಂತದ್ದೇ ಚಪ್ಪಾಳೆ ಬಿತ್ತು.

"ಇದೊಂದನ್ನ ಮಾತ್ರ ಒಪ್ಪಿದೆ," ಎಂದಳು ಕನ್ನಡಕದ ಹೆಂಗಸು. ಅವಳ ಕಣ್ಣು ಒದ್ದೆಯಾಗಿತ್ತು. "ಉದ್ದಕೈ ಹೇಗೆ ಕದೀತಿದ್ದ ಅಂತ ಸ್ಕೇಲಿಂದ ಹಿಡಿದು ಪೂರ್ತಿ ಮಾಡಿ ತೋರಿಸಿಬಿಟ್ರಿ. ನಡುವೆ ಅತ್ತಿರಲ್ಲ, ಅದಂತೂ ನಾಟಕ ಅಂತ ಅನ್ನಿಸಲೇ ಇಲ್ಲ. ಕಿಟಕಿಯಿಂದ ಪೂರ್ತಿ ವಿಡಿಯೊ ಮಾಡಿ ನಿಮ್ಮ ಆಫೀಸ್ ನಂಬರಿಗೆ ಆಗ್ಲೇ ಕಳಿಸಿದೀನಿ. ನಿಮ್ಮ ಸಾಹೇಬ್ರು ನೋಡ್ಲಿ."

ಆಫೀಸ್ ನಂಬರೆಂದರೆ ಭಾವನ ಜೇಬು. ಸ್ಟುಡಿಯೊದಲ್ಲಿ, ಗಲ್ಲಕ್ಕೆ ಕೈಕೊಟ್ಟ ಹೊತ್ತಿಗೆ ಅದು ಟಿಂಗ್ ಎಂದಿರಬೇಕು. ಮಾಸ್ತರನ ಬಾಯಲ್ಲಿದ್ದ ಗುಳಿಗೆ ಗಂಟಲಿಗೆ ಇಳಿದು, ಇಷ್ಟು ಹೊತ್ತು ತಡೆದಿದ್ದ ಕೆಮ್ಮು ಒಟ್ಟಿಗೇ ಬಂತು.

ಗುಂಪನ್ನು ಸರಿಸಿಕೊಂಡು ಪೇದೆ ಮುಂದೆ ಬಂದ. ಅಂಗಿಯ ಒಂದು ತೋಳು ಇನ್ನೂ ಮೊಣಕೈ ತನಕ ಮಡಿಸಿಯೇ ಇತ್ತು. "ಏನಯ್ಯ ಮಾಸ್ತರ, ಹನ್ನೊಂದು ವರ್ಷದಲ್ಲಿ ಒಂದ್ಸಲ ಹೀಗೆ ಮಾಡಿರಲಿಲ್ಲ ನೀನು. ಸರಿಯಾಗಿ ಗುಂಡು ಹಾರೋ ಹೊತ್ತಿಗೆ ಎಲ್ಲರನ್ನೂ ಎಬ್ಬಿಸ್ಕೊಂಡು ಬಂದುಬಿಟ್ಟೆಯಲ್ಲ?" ಎಂದ. "ನಾನೆಲ್ಲಿ ಕರೆದೆ ತಾತ?" ಎಂದು ಮಾಸ್ತರ ಕೆಮ್ಮುತ್ತಲೇ ಕೇಳಿದ. ಪೇದೆ ಕೋಲಿನಿಂದ ಬಾಗಿಲ ಕಡೆ ತೋರಿಸಿದ. ಮಾಸ್ತರ ದಿನಾ ಕ್ಷೌರದಂಗಡಿಯೊಳಗೆ ಹೋಗುವಾಗ ಹಿಂದೆ ಉಳಿದವರಿಗೆ ಗುರುತಾಗಲಿ ಎಂದು ಬಾಗಿಲಿಗೆ ಸಿಕ್ಕಿಸುತ್ತಿದ್ದಂತೆಯೇ, ಸೋಡಾ ಫ್ಯಾಕ್ಟರಿಯಿಂದ ಸಂದಿಯುದ್ದಕ್ಕೂ ತಲೆಗಿಂತ ಮೇಲೆ ಎತ್ತಿ ಹಿಡಿದುಕೊಂಡೇ ಬಂದಿದ್ದ ಅವನ ಕಿತ್ತಳೆ ಬಣ್ಣದ ಕೊಡೆ, ಹಿಂಬಾಗಿಲಿನ ಹೊರಗಿನ ಕೊಂಡಿಯಲ್ಲಿ ನೇತಾಡುತ್ತಿತ್ತು.