ಗೆರ್ಮಾನ್ ಓದಿದ ಕೊರಿಯಾ

ಉಷ್ತೊಬೆ ಊರಿನ ಮಕ್ಕಳ ಗ್ರಂಥಾಲಯದಲ್ಲಿ ಬಿಸಿನೀರಿನ ಪೈಪು ಸೋರುತ್ತಿದೆ ಎಂದು ಕರೆ ಬಂದಾಗ ಪ್ಲಂಬರ್ ಗೆರ್ಮಾನ್ ಹೆಗಾಯ್ ಚೀಲ ಹೊತ್ತು ಹೋದ. ಇಪ್ಪತ್ತು ವರ್ಷದ ಹಿಂದಿನ ಚಳಿಗಾಲ ಅದು. ಕೆಲಸ ಅರ್ಧ ಗಂಟೆಯಲ್ಲಿ ಮುಗಿಯಿತು. ಸ್ಪ್ಯಾನರ್ ಒರೆಸಿಕೊಂಡು ಎದ್ದಾಗ ಗ್ರಂಥಪಾಲಕಿ ಬಲ್ಜಾನ್ ಬಣ್ಣದ ಪುಸ್ತಕವೊಂದನ್ನು ಎದೆಗವಚಿಕೊಂಡು ಎದುರು ನಿಂತಿದ್ದಳು.

“ಕೊರಿಯಾದಿಂದ ಹನ್ನೆರಡು ಪುಸ್ತಕ ಕಳಿಸಿದಾರೆ. ಆ ದೇಶ ಹೇಗಿದೆ, ಹಿಂದೆ ಹೇಗಿತ್ತು ಅಂತ ಮಕ್ಕಳಿಗೆ ಹೇಳೋಣ ಅಂದ್ರೆ ನಂಗೆ ಒಂದಕ್ಷರ ಬರಲ್ಲ. ನೀವು ಕೊರಿಯಾದವರಲ್ವಾ? ಓದ್ತೀರಲ್ವಾ?”

ಹಿರಿಯರು ದೂರದ ಕೊರಿಯಾದವರಾದರೂ ಗೆರ್ಮಾನ್ ಹುಟ್ಟಿದ್ದು ಇದೇ ಊರಿನ ಈರುಳ್ಳಿ ಹೊಲಗಳ ನಡುವೆ. ಓದಿದ್ದು ರಷ್ಯನ್. ಅಜ್ಜಿಯ ಕೆಲವು ಬೈಗುಳ ಬಿಟ್ಟರೆ ಕೊರಿಯನ್ ಅವನಿಗೆ ಬರುತ್ತಿರಲಿಲ್ಲ. ಇಲ್ಲ ಎನ್ನಲು ಬಾಯಿ ತೆರೆದ. ಬಲ್ಜಾನ್ ಕೆನ್ನೆಯ ಮೇಲೆ ಸಣ್ಣದೊಂದು ಶಾಯಿಯ ಗೀರಿತ್ತು.

“ಓದ್ತೀನಿ,” ಅಂದುಬಿಟ್ಟ.

ಅಂದಿನಿಂದ ಪ್ರತಿ ಶನಿವಾರ ನಾಲ್ಕು ಗಂಟೆಗೆ ಅವನು ಹಾಜರು. ಪುಟ ತಿರುವುತ್ತಾ ಚಿತ್ರ ನೋಡಿ ಬಾಯಿಗೆ ಬಂದ ಕಥೆ ಹೇಳುತ್ತಿದ್ದ. ಜಾಡಿ ಹೊತ್ತ ಹೆಂಗಸಿನ ಚಿತ್ರ ಬಂದರೆ, ಬಟ್ಟೆಯ ಅಂಚಿನಲ್ಲಿ ಭತ್ತದ ಬೀಜ ಹೊಲಿದುಕೊಂಡು ಊರು ಬಿಟ್ಟವಳ ಕಥೆ. ರಾಜ ಕುಂಚ ಹಿಡಿದು ಕೂತ ಚಿತ್ರ ಬಂದರೆ, ದೂರ ಹೋದ ಹೆಂಡತಿಗೆ ಕಾಗದ ಬರೆಯುವ ರಾಜನ ಕಥೆ. ಆ ಕಥೆ ಹೇಳಿದ ದಿನ ಅವನ ಕಣ್ಣು ಮಕ್ಕಳನ್ನು ದಾಟಿ ಕಿಟಕಿಯ ಬಳಿ ಹೋಯಿತು. ಬಲ್ಜಾನ್ ಅವನನ್ನೇ ನೋಡುತ್ತಿದ್ದವಳು ಸರಕ್ಕನೆ ತಲೆ ತಗ್ಗಿಸಿ, ಜೋಡಿಸಿದ್ದ ಪುಸ್ತಕಗಳನ್ನೇ ಮತ್ತೆ ಜೋಡಿಸಿದಳು.

“ಆ ರಾಜ ಬಹಳ ಪ್ರೀತಿ ಮಾಡ್ತಿದ್ದ ಅಲ್ವಾ?” ಚಹಾ ಬಗ್ಗಿಸುತ್ತಾ ಕೇಳಿದಳು.

“ಬಹಳ.”

“ಪುಸ್ತಕದಲ್ಲಿ ಹಾಗೇ ಇದೆಯಾ?”

ಅವನು ಚಹಾ ಗುಟುಕರಿಸಿದ. ಇವತ್ತು ನಿಜ ಹೇಳಿಬಿಡಬೇಕು ಎಂದುಕೊಂಡ. ಮುಂದಿನ ಶನಿವಾರವೂ ಅಂದುಕೊಂಡ. ಮನೆಗೆ ನಡೆಯುವ ದಾರಿಯುದ್ದಕ್ಕೂ ತನ್ನನ್ನೇ ಬೈದುಕೊಳ್ಳುವುದು ಅಭ್ಯಾಸವಾಯಿತು.

ಮಾರ್ಚಿನಲ್ಲಿ ಕಥೆ ಹೇಳುವ ಜಿಲ್ಲಾ ಸ್ಪರ್ಧೆ ಬಂತು. ಗ್ರಂಥಾಲಯದ ಮಕ್ಕಳಲ್ಲಿ ಒಬ್ಬಳಾದ ಒಂಬತ್ತು ವರ್ಷದ ಇಂಕಾರ್ ಅದೇ ರಾಜನ ಕಥೆಯನ್ನು ವೇದಿಕೆಯ ಮೇಲೆ ಹೇಳಿದಳು. ತೀರ್ಪುಗಾರರಲ್ಲಿ ಕೊರಿಯಾದಿಂದಲೇ ಬಂದ ಟೀಚರ್ ಒಬ್ಬರಿದ್ದರು. ಪುಸ್ತಕದಲ್ಲಿ ಈ ಕಥೆಯೇ ಇಲ್ಲ ಎಂದು ಅವರು ಮೆತ್ತಗೇ ತಿದ್ದಿದರು. ಆದರೆ ಸಭೆಯ ಮಕ್ಕಳೆಲ್ಲ ನಕ್ಕರು. ಇಂಕಾರ್ ವಾಪಸು ಬರುವಾಗ ಬಸ್ಸಿನಲ್ಲಿ ಟೋಪಿಯನ್ನು ಕಣ್ಣಿನವರೆಗೂ ಎಳೆದುಕೊಂಡು ಕೂತಳು.

ಸೋಮವಾರ ಬಲ್ಜಾನ್ ಗೆರ್ಮಾನ್‌ನನ್ನು ಕರೆಸಿ, ಮುಂದೆ ಪುಸ್ತಕ ಬಿಚ್ಚಿಟ್ಟಳು.

“ಈ ಪುಟ ಓದಿ.”

“ಬರಲ್ಲ.”

“ಯಾವ ಪುಟ ಬರುತ್ತೆ?”

“ಯಾವುದೂ ಬರಲ್ಲ.”

ಅವಳು ಕುರ್ಚಿಯಲ್ಲಿ ಕುಸಿದಳು. “ಯಾಕೆ ಗೆರ್ಮಾನ್?”

“ಬರಲ್ಲ ಅಂದಿದ್ರೆ, ಮತ್ತೊಂದು ಪೈಪು ಸೋರೋವರೆಗೂ ನಿಮ್ಮನ್ನ ನೋಡೋ ಹಾಗಿರಲಿಲ್ಲ.”

ಬೇರೆ ದಿನವಾಗಿದ್ದರೆ ಅವಳು ನಗುತ್ತಿದ್ದಳೇನೋ. “ಇದನ್ನ ನಂಗೆ ಹೇಳಬೇಡಿ. ಆ ಮಗೂಗೆ ಹೇಳಿ.”

ಶನಿವಾರ ಹದಿನೇಳು ಮಕ್ಕಳ ಮುಂದೆ ಅವನು ನಿಂತ. “ನಂಗೆ ಕೊರಿಯನ್ ಓದಕ್ಕೆ ಬರಲ್ಲ. ಕಟ್ಟಿ ಹೇಳಿದೆ. ಇಂಕಾರ್, ನನ್ನಿಂದ ನಿನಗೆ ಅವಮಾನ ಆಯ್ತು. ತಪ್ಪು ನಂದು.”

ಇಂಕಾರ್ ಶೂಗಳನ್ನೇ ನೋಡುತ್ತಾ ಕೇಳಿದಳು. “ಬೀಜ ಹೊಲಿದುಕೊಂಡ ಹೆಂಗಸೂ ಸುಳ್ಳಾ?”

“ಇಲ್ಲ. ಅವಳು ಪುಸ್ತಕದವಳಲ್ಲ, ನಮ್ಮ ಮುತ್ತಜ್ಜಿ. ಆಗಿನ ಸರ್ಕಾರ ನಮ್ಮ ಜನರನ್ನೆಲ್ಲ ಬಲವಂತವಾಗಿ ರೈಲಿಗೆ ತುಂಬಿ ಇಲ್ಲಿ ತಂದು ಇಳಿಸ್ತು. ಆ ಚಳಿಗಾಲ ರೊಟ್ಟಿ ಕೊಟ್ಟಿದ್ದು ನಿಮ್ಮ ಮುತ್ತಜ್ಜಿಯರು.”

ಬಲ್ಜಾನ್ ಒಂದು ಹಾಳೆ ತೆಗೆದಳು. ಆ ಟೀಚರಿಗೆ ಫೋನ್ ಮಾಡಿ ಪುಟದ ಅರ್ಥ ಬರೆದುಕೊಂಡಿದ್ದಳು. “ರಾಜ ಕಾಗದ ಬರೀತಿಲ್ಲ. ಓದು ಬಾರದ ಬಡವರೂ ಓದಲಿ ಅಂತ ಹೊಸ ಅಕ್ಷರ ಮಾಡ್ತಿದಾನೆ.”

ಇಂಕಾರ್ ಮೊದಲ ಸಲ ತಲೆ ಎತ್ತಿದಳು. “ಹಾಗಾದ್ರೆ ಮಾಮ, ರಾಜ ಮಾಡಿದ್ದು ನಿಮಗೋಸ್ಕರಾನೇ. ನೀವೇ ಕಲೀಲಿಲ್ಲ.”

ಮಕ್ಕಳು ನಕ್ಕರು. ಈ ಸಲ ನಗು ಬಿದ್ದದ್ದು ಅವನ ಮೇಲೆ. ಅದು ಸರಿಯೆನಿಸಿತು.

ಎಲ್ಲರೂ ಹೋದ ಮೇಲೆ ಅವನು ಟೋಪಿ ಎತ್ತಿಕೊಂಡ.

“ನಂದೂ ತಪ್ಪಿದೆ,” ಬಲ್ಜಾನ್ ಅಂದಳು. “ಮುಖ ನೋಡಿ ನೀವು ಆ ದೇಶದವರು ಅಂದುಕೊಂಡೆ. ಇಲ್ಲೇ ಹುಟ್ಟಿದವರನ್ನ.”

“ನಿಮ್ಮದೇನಿಲ್ಲ. ಇನ್ನು ಬರಬೇಡಿ ಅಂದ್ರೂ ನಂಗೆ ಸರಿ.”

“ಶನಿವಾರ ಬನ್ನಿ, ಮಕ್ಕಳ ಜೊತೆ ಕೂತು ಅಕ್ಷರ ಕಲೀರಿ. ಆ ಟೀಚರ್ ಕಲಿಸೋಕೆ ಬರ್ತಾರಂತೆ.” ಅವಳು ಕೋಟಿನ ಗುಂಡಿಯೊಂದನ್ನು ಹಾಕಿ, ಬಿಚ್ಚಿ, ಮತ್ತೆ ಹಾಕಿದಳು. “ಭಾನುವಾರವೂ ಬನ್ನಿ. ನಮ್ಮ ಮನೆಗೆ.”

“ಪೈಪು ಸೋರ್ತಿದೆಯಾ?”

“ಇಲ್ಲ. ಅಮ್ಮ ಇರ್ತಾರೆ. ನೀವು ಯಾರು, ಯಾಕೆ ಬಂದ್ರಿ ಅಂತ ಕೇಳ್ತಾರೆ.” ಅವಳು ಕಣ್ಣೆತ್ತಿದಳು. “ಅವರ ಹತ್ರ ಮಾತ್ರ ನಿಜಾನೇ ಹೇಳಿ.”