ಒಂಬತ್ತನೇ ಆಟದ ಹಾಡು

ಟಿಕ್. ಸ್ವಲ್ಪ ಬಿಟ್ಟು ಮತ್ತೆ, ಟಿಕ್ ಟಿಕ್.

ಎಲ್ಲರೂ ಮಲಗಿದ ಹೊತ್ತಿನಲ್ಲಿ ಆ ಸದ್ದು ಮೇಲಿನ ಮನೆಯ ನೆಲದಿಂದ ಇಳಿದು ಅವಳ ಮಂಚದವರೆಗೆ ಬರುತ್ತಿತ್ತು. ಇಲಿಯಲ್ಲ, ಇಲಿಗೆ ಇಷ್ಟು ಶಿಸ್ತು ಇರುವುದಿಲ್ಲ. ನಲ್ಲಿಯೂ ಅಲ್ಲ, ನಲ್ಲಿ ಹೀಗೆ ಯೋಚಿಸಿ ಯೋಚಿಸಿ ತೊಟ್ಟಿಕ್ಕುವುದಿಲ್ಲ. ಹಗಲೆಲ್ಲ ಆಸ್ಪತ್ರೆಯಲ್ಲಿ ಕೂತು ಜನರ ಕಿವಿಗೆ ಸಣ್ಣ ಸಣ್ಣ ಸದ್ದು ಕಳಿಸಿ, ಕೇಳಿಸಿತೇ ಎಂದು ಪರೀಕ್ಷಿಸುವುದು ಅವಳ ಕೆಲಸ. ರಾತ್ರಿಯಾದರೂ ಸದ್ದುಗಳು ತನ್ನನ್ನು ತನ್ನ ಪಾಡಿಗೆ ಬಿಡಬಾರದೇ ಎಂದುಕೊಂಡಳು. ಸಿಟ್ಟು ಬರಬೇಕಿತ್ತು, ಬರಲಿಲ್ಲ. ಮದುವೆ ಮುರಿದು ಅಕ್ಕನ ಮನೆ ಸೇರಿದಾಗಿನಿಂದ ಬರಬೇಕಾದದ್ದು ಯಾವುದೂ ಬಂದಿರಲಿಲ್ಲ. ಅಳು ಕೂಡ.

ಬೆಳಿಗ್ಗೆ ಮೆಟ್ಟಿಲು ಹತ್ತಿ ಹೋಗಿ ಬಾಗಿಲು ತಟ್ಟಿದಳು. ಗಟ್ಟಿಯಾಗಿ ಇನ್ನೊಮ್ಮೆ ತಟ್ಟಿದ ಮೇಲೆ ತೆರೆಯಿತು. ಹೊಸದಾಗಿ ಬಾಡಿಗೆಗೆ ಬಂದ ಲಿಫ್ಟ್ ಮೆಕ್ಯಾನಿಕ್. ಕೊರಳಲ್ಲಿ ಹೆಡ್‌ಫೋನ್, ಕೈಯಲ್ಲಿ ವಿಡಿಯೋ ಗೇಮಿನ ಕಂಟ್ರೋಲರ್, ಮುಖದಲ್ಲಿ ನಿದ್ದೆಗೆಟ್ಟ ಸಂತೋಷ.

“ರಾತ್ರಿಯೆಲ್ಲಾ ನಿಮ್ಮನೆಯಿಂದ ಸದ್ದು ಬರ್ತಿತ್ತು.”

“ಆಟ ಆಡ್ತಿದ್ದೆ. ಆದ್ರೆ ಹೆಡ್‌ಫೋನ್ ಹಾಕ್ಕೊಂಡಿದ್ನಲ್ಲಾ?”

“ಆಟದ ಸದ್ದಲ್ಲ. ಬಟನ್ ಸದ್ದು.”

ಅವನು ಕಂಟ್ರೋಲರನ್ನು ಒಂದು ಕಿವಿಗೆ ಹಿಡಿದು ಒತ್ತಿದ. ಇನ್ನೊಂದು ಕಿವಿಗೆ ಹಿಡಿದು ಒತ್ತಿದ. “ಇದು ಸದ್ದು ಮಾಡುತ್ತಾ?” ಎಂದು ಕೇಳಿದ.

ತಮಾಷೆ ಮಾಡುತ್ತಿದ್ದಾನೆ ಎಂದುಕೊಂಡು ಅವಳು ಇಳಿದು ಬಂದಳು.

ಆ ವಾರವೇ ಅವನು ಡಾಕ್ಟರ ಚೀಟಿ ಹಿಡಿದು ಆಸ್ಪತ್ರೆಯಲ್ಲಿ ಅವಳ ಎದುರು ಬಂದು ನಿಂತ. ಅವಳನ್ನು ನೋಡಿ ಕಳ್ಳ ಸಿಕ್ಕಿಬಿದ್ದ ಹಾಗೆ ನಕ್ಕ. ಅಪ್ಪನಿಗೂ ಇದೇ ವಯಸ್ಸಿನಲ್ಲಿ ಕಿವಿ ಮಂದವಾಗುತ್ತಾ ಬಂದು ಪೂರ್ತಿ ಹೋಗಿತ್ತಂತೆ. ತನ್ನದು ಎಲ್ಲಿಗೆ ಬಂದಿದೆ ಎಂದು ತಿಳಿಯಬೇಕಿತ್ತು.

ಪರೀಕ್ಷೆ ನಡೆಯುವುದು ಸದ್ದು ಒಳಬಾರದ ಒಂದು ಪುಟ್ಟ ಕೋಣೆಯಲ್ಲಿ. ಒಂದು ಗೋಡೆಗೆ ಗಾಜು, ಗಾಜಿನ ಆಚೆ ಅವಳ ಯಂತ್ರ. ಒಳಗಿನ ಕುರ್ಚಿ ಯಾವಾಗಲೂ ಗಾಜಿಗೆ ಬೆನ್ನು ಮಾಡಿರುತ್ತದೆ. ಅವನು ಕೂತ ಗಳಿಗೆಯಲ್ಲೇ ಎದ್ದು ನಿಂತ.

“ಮೇಡಂ, ಗೋಡೆ ನೋಡ್ಕೊಂಡು ಕೂತ್ರೆ ಉಸಿರು ಕಟ್ಟಿದ ಹಾಗಾಗುತ್ತೆ.”

“ಲಿಫ್ಟ್‌ನವರಿಗೆ ಪೆಟ್ಟಿಗೆ ಭಯವಾ?”

“ನಾನು ಲಿಫ್ಟಿನ ಮೇಲೆ ನಿಂತು ಕೆಲಸ ಮಾಡೋನು. ಒಳಗೆ ಕೂರೋರು ನಿಮ್ಮಂಥೋರು.”

ಅವಳು ಕುರ್ಚಿಯನ್ನು ಗಾಜಿನ ಕಡೆ ತಿರುಗಿಸಿದಳು. ಹಾಗೆ ಮಾಡಬಾರದೆಂದು ಅವಳಿಗೆ ಗೊತ್ತಿತ್ತು. ಆದರೆ ತನ್ನ ಮುಖದಲ್ಲಿ ನೋಡುವಂಥದ್ದು ಏನಿದೆ? ಕನ್ನಡಿಯಲ್ಲಿ ದಿನವೂ ಕಾಣುವ ಆ ಮುಖ ಒರೆಸಿಟ್ಟ ಹಲಗೆಯಂತಿತ್ತು.

“ಸದ್ದು ಕೇಳಿಸಿದಾಗೆಲ್ಲ ಬಟನ್ ಒತ್ತಿ.”

“ಅದೊಂದು ಕೆಲಸ ನನಗೆ ಚೆನ್ನಾಗಿ ಬರುತ್ತೆ.”

ನಿಜಕ್ಕೂ ಚೆನ್ನಾಗಿಯೇ ಒತ್ತಿದ. ಫಲಿತಾಂಶ ನೋಡಿ ಅವಳು, “ಸ್ವಲ್ಪ ಕಡಿಮೆಯಾಗಿದೆ ಅಷ್ಟೆ. ಇಳಿದರೂ ನಿಧಾನಕ್ಕೆ ಇಳಿಯುತ್ತೆ,” ಎಂದಳು.

ಅವನು ಏಳಲಿಲ್ಲ. “ಇನ್ನೊಂದು ಕೇಳ್ಲಾ? ನಗಬಾರದು.”

“ನಗಲ್ಲ.” ನಗುವ ಅಭ್ಯಾಸ ತಪ್ಪಿ ಬಹಳ ದಿನವಾಗಿತ್ತು.

ಅವನು ಆಡುತ್ತಿದ್ದದ್ದು ಕಡಲ ದಂಡೆಯ ದೀಪಸ್ತಂಭ ಕಾಯುವ ಒಂದು ಮನೆತನದ ಕಥೆ. ಒಟ್ಟು ಒಂಬತ್ತು ಆಟ, ಒಂದೊಂದರಲ್ಲಿ ಒಂದೊಂದು ತಲೆಮಾರು. ಮೊದಲನೆಯದರಲ್ಲಿ ಮುತ್ತಜ್ಜಿಯೊಬ್ಬಳು ಗುನುಗುವ ರಾಗ ಬರೀ ಕೀಂ ಕೀಂ ಅನ್ನುತ್ತದೆ. ಪ್ರತಿ ಆಟದಲ್ಲೂ ಅದಕ್ಕೊಂದು ಸಾಲು ಕೂಡಿಕೊಳ್ಳುತ್ತದೆ. ಒಂಬತ್ತನೆಯದರ ಕೊನೆಗೆ ಆ ವಂಶದ ಕೊನೆಯ ಮರಿಮಗಳು ದೀಪ ಹಚ್ಚಿ ಇಡೀ ಹಾಡನ್ನು ಹಾಡುತ್ತಾಳೆ.

“ಸಾಲಾಗಿ ಆಡಿಕೊಂಡು ಹೋದ್ರೆ ಆ ಹಾಡಿಗೆ ಅರ್ಥ. ಆದ್ರೆ ಅಲ್ಲಿಗೆ ಹೋಗೋ ಹೊತ್ತಿಗೆ ಕಿವಿಯೇ ಹೋದ್ರೆ? ಮೊದಲಿಂದ ಆಡ್ಲಾ, ನೇರ ಕೊನೇದಕ್ಕೆ ಹೋಗ್ಲಾ?”

“ನೇರ ಮೇಲಕ್ಕೆ ಹೋಗೋಕೆ ತಾನೇ ನಿಮ್ಮ ಕಸುಬು ಇರೋದು?”

“ಅದಕ್ಕೇ ಗೊತ್ತು. ಲಿಫ್ಟಲ್ಲಿ ಹೋದೋರಿಗೆ ಮಧ್ಯದ ಮಹಡಿ ಯಾವುದೂ ನೆನಪಿರಲ್ಲ.”

ಅವಳು ಫಲಿತಾಂಶವನ್ನು ಮತ್ತೊಮ್ಮೆ ನೋಡಿದಳು. ಮಾತನ್ನು ಅಳೆದು ತೂಗಿ ಆಡುವವಳು. “ಸಾಲಾಗೇ ಆಡಿ. ಸಮಯ ಇದೆ,” ಎಂದಳು.

“ಹಾಗಾದ್ರೆ ಸಾಕ್ಷಿಗೆ ನೀವೂ ಬನ್ನಿ. ಸದ್ದಿನ ದೂರು ಕೊಟ್ಟೋರು ನೀವೇ ತಾನೇ?”

ಭಾನುವಾರ ಮಧ್ಯಾಹ್ನ ಹೋದಳು. ಯಾಕೆ ಹೋದಳೆಂದು ಅವಳಿಗೇ ತಿಳಿಯಲಿಲ್ಲ. ಬೇಡ ಎನ್ನಲೂ ಒಂದಿಷ್ಟು ಹುರುಪು ಬೇಕಲ್ಲ. ಅವನು ಕಂಟ್ರೋಲರನ್ನು ಅವಳ ಕೈಗೂ ಕೊಟ್ಟ. ಅವಳು ನಡೆಸಿದ ಆಟದ ಮುತ್ತಜ್ಜಿ ಮೂರು ಹೆಜ್ಜೆ ನಡೆದು ಸಮುದ್ರಕ್ಕೆ ಬಿದ್ದಳು.

“ಅಯ್ಯೋ, ವಂಶವೇ ನಿಂತುಹೋಯ್ತಲ್ಲ,” ಎಂದ ಅವನು, ಬಹಳ ಗಂಭೀರವಾಗಿ.

ಅವಳ ಮೂಗಿನಿಂದ ಒಂದು ಸಣ್ಣ ಗಾಳಿ ಹೊರಟಿತು. ಅದನ್ನು ಅವನು ನಗು ಎಂದು ಲೆಕ್ಕಕ್ಕೆ ಹಿಡಿದುಕೊಂಡ.

ಹೀಗೆ ಭಾನುವಾರಗಳು ಬಂದವು. ಒಂದು ಆಟ ಮುಗಿದು ಇನ್ನೊಂದು ಶುರುವಾಗುತ್ತಿತ್ತು. ಅಕ್ಕ ಕೆಳಗಿನಿಂದ ಎಲ್ಲವನ್ನೂ ಗಮನಿಸುತ್ತಿದ್ದಳು.

“ವಾರ ವಾರ ಗಂಡಸಿನ ಮನೆಗೆ ಹೋಗಿ ಬರ್ತೀಯ. ಏನು ಮಾಡ್ತೀರೇ ಅಂದ್ರೆ ದೀಪ ಹಚ್ತೀವಿ ಅಂತೀಯ. ಯಾರ ಕಿವಿಗೆ ಹೂವು ಇಡ್ತಿದ್ದೀಯ?”

“ನಿಜ ಅಕ್ಕ. ಅಷ್ಟೇ ಮಾಡೋದು.”

“ಅವನ ಮೇಲೆ ಮನಸ್ಸಿದೆಯಾ?”

“ಏನೂ ಅನ್ನಿಸಲ್ಲ ಕಣೇ.”

“ಏನೂ ಅನ್ನಿಸದೋರು ಹೋಗೋ ಮುಂಚೆ ತಲೆ ಬಾಚ್ಕೋತಾರಾ?”

ಏನೂ ಅನ್ನಿಸದಿದ್ದದ್ದು ಸುಳ್ಳೂ ಆಗಿರಲಿಲ್ಲ. ಅವನ ಮೊಣಕೈ ತಾಗಿದರೆ ತಾಗಿತು ಎಂದು ಗೊತ್ತಾಗುತ್ತಿತ್ತು, ಹಲ್ಲಿನ ಡಾಕ್ಟರು ಮದ್ದು ಚುಚ್ಚಿದ ತುಟಿಗೆ ಲೋಟ ತಾಗಿದಷ್ಟು. ಆದರೆ ಅವನು ಮಾತಾಡುವಾಗ ಟಿವಿ ಬಿಟ್ಟು ತನ್ನನ್ನೇ ನೋಡುತ್ತಾನೆ, ಕಣ್ಣಿಂದ ಹುಬ್ಬಿಗೆ, ಹುಬ್ಬಿಂದ ತುಟಿಗೆ ನಿಧಾನವಾಗಿ ನೋಟ ಸರಿಸುತ್ತಾನೆ ಎಂಬುದನ್ನು ಮಾತ್ರ ಗುರುತಿಸಿಕೊಂಡಿದ್ದಳು. ಇನ್ನೊಬ್ಬ ಹುಡುಗಿಯಾಗಿದ್ದರೆ ನಾಚುತ್ತಿದ್ದಳು.

ಆರನೆಯ ಆಟದ ನಡುವೆ ಅವನು ಮತ್ತೆ ಪರೀಕ್ಷೆಗೆ ಬಂದ. ಆ ದಿನ ಯಂತ್ರದ ಮುಂದೆ ಅವಳಿರಲಿಲ್ಲ. ಅವಳ ಹಿರಿಯ ಸಹೋದ್ಯೋಗಿ ಕೂತಿದ್ದರು. ಕುರ್ಚಿಯನ್ನು ಗೋಡೆಗೆ ತಿರುಗಿಸಿ, ಬಾಗಿಲು ಹಾಕಿದರು. ಪರೀಕ್ಷೆ ಮುಗಿದ ಮೇಲೆ ಅವಳನ್ನು ಕರೆದು, ಮೊದಲಿನ ಫಲಿತಾಂಶವನ್ನೂ ಈಗಿನದನ್ನೂ ಪಕ್ಕಪಕ್ಕ ಇಟ್ಟರು.

“ಕುರ್ಚಿ ಯಾವ ಕಡೆ ಇತ್ತು ಮರಿ, ಆವತ್ತು?”

ಅವಳು ಹೇಳಿದಳು. ಅವರು ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. ಅವನ ಕಿವಿ ಮೊದಲೇ ಅರ್ಧ ಹೋಗಿತ್ತು. ಕಂಟ್ರೋಲರಿನ ಬಟನ್ ಸದ್ದು ಅವನಿಗೆ ಕೇಳದಿದ್ದಾಗಲೇ ತಿಳಿಯಬೇಕಿತ್ತು.

ಆ ಸಂಜೆ ಅವನ ಬಾಗಿಲಲ್ಲೇ ನಿಂತು ಕೇಳಿದಳು. “ಕೇಳಿಸದೆ ಯಾಕೆ ಒತ್ತಿದ್ರಿ?”

“ಕೇಳಿಸ್ತು ಅಂತಲೇ ಅಂದ್ಕೊಂಡಿದ್ದೆ.” ಅವನ ಕಿವಿಯ ಹಿಂದೆ ಹೊಸ ಮಷೀನು ಅಂಟಿಕೊಂಡಿತ್ತು. “ನೀವು ಸದ್ದು ಕಳಿಸಿದಾಗೆಲ್ಲ ನಿಮ್ಮ ಎಡಹುಬ್ಬು ಒಂಚೂರು ಏಳ್ತಿತ್ತು. ಅದು ಎದ್ರೆ ನನಗೆ ಸದ್ದು ಬಂದ ಹಾಗೇ ಆಗ್ತಿತ್ತು.”

“ನನ್ನ ಮುಖದಲ್ಲಿ ಏನೂ ಕಾಣಲ್ಲ.”

“ಯಾರು ಹೇಳಿದ್ದು? ಅಷ್ಟು ಮಾತಾಡೋ ಮುಖ ನಾನು ನೋಡೇ ಇಲ್ಲ. ಸುಮ್ನೆ ಕೂತಾಗ್ಲೂ ಗಲಾಟೆ ಮಾಡುತ್ತೆ.”

ಅವಳು ಬಾಗಿಲ ಚೌಕಟ್ಟು ಹಿಡಿದುಕೊಂಡಳು. “ತಪ್ಪು ನಂದು. ಸಮಯ ಇದೆ ಅಂದಿದ್ದು ನಾನು. ಇವತ್ತೇ ಒಂಬತ್ತನೇದು ಹಾಕಿ. ಏಳು, ಎಂಟು ಆಮೇಲೆ ಆಡಿದ್ರಾಯ್ತು.”

“ಬೇಡ.”

“ಹಟ ಮಾಡ್ಬೇಡಿ. ಕೇಳಿಸೋವಾಗ್ಲೇ ಕೇಳ್ಕೊಂಡುಬಿಡಿ.”

“ಒಂಬತ್ತನೇದು ಮುಗಿದ್ರೆ ನೀವು ಬರಲ್ಲ,” ಎಂದ ಅವನು. ಹೇಳಿದ ಮೇಲೆ ತನ್ನ ದನಿ ತೀರಾ ಗಟ್ಟಿಯಾಯಿತೇನೋ ಎಂದು ಅನುಮಾನ ಬಂದು, ತಗ್ಗಿಸಿ ಇನ್ನೊಮ್ಮೆ ಹೇಳಿದ. “ನೀವು ಬರಲ್ಲ. ಹಾಡಿಗಿಂತ ನನಗೆ ಈ ಭಾನುವಾರ ಬೇಕು. ಸಾಲಾಗೇ ಹೋಗೋಣ.”

ಕೆಳಗಿನ ಮನೆಯ ಕಿಟಕಿ ತೆರೆದೇ ಇತ್ತು. ಅಕ್ಕನ ಮನೆಯಲ್ಲಿ ಪಾತ್ರೆ ತೊಳೆಯುವ ಸದ್ದು ಥಟ್ಟನೆ ನಿಂತಿತು.

ಅವಳಿಗೆ ಏನಾದರೂ ಅನ್ನಿಸಬೇಕಿತ್ತು. ಕಾದಳು. ಒಳಗೆ ಎಲ್ಲೋ ಬಹಳ ದೂರದಲ್ಲಿ ಯಾರೋ ಏನೋ ಸರಿಸಿದಂತಾಯಿತು, ಅಷ್ಟೆ. “ಭಾನುವಾರ ಬರ್ತೀನಿ,” ಎಂದಷ್ಟೇ ಹೇಳಿ ಇಳಿದಳು.

ಏಳನೆಯ ಆಟ ಮುಗಿಯಿತು. ಎಂಟನೆಯದರ ಹೊತ್ತಿಗೆ ಅವನು ‘ಮೇಡಂ’ ಬಿಟ್ಟಿದ್ದ, ‘ನೀವು’ ಕೂಡ ಯಾವಾಗಲೋ ಜಾರಿಹೋಗಿತ್ತು. ಮಷೀನು ಇದ್ದರೂ ಮಾತು ಅರ್ಧ ಕಿವಿಯಲ್ಲಿ, ಅರ್ಧ ಅವಳ ತುಟಿಯಲ್ಲಿ ಹಿಡಿಯುತ್ತಿದ್ದ. ರಾಗ ಮಾತ್ರ ಮಷೀನಿನೊಳಗೆ ಸೀಳಿ ಬರುತ್ತದೆ, ತಗಡಿನ ಮೇಲೆ ಜಲ್ಲಿ ಸುರಿದ ಹಾಗೆ ಎನ್ನುತ್ತಿದ್ದ.

ಒಂಬತ್ತನೆಯದರ ಕೊನೆಯ ಭಾನುವಾರ ಅವನು ಎರಡೂ ಕಿವಿಯ ಮಷೀನು ತೆಗೆದು ಕಿಟಕಿಯ ಮೇಲಿಟ್ಟ.

“ಬರೀ ಕಿವಿಗೆ ಎಷ್ಟು ಬರುತ್ತೋ ಅಷ್ಟು ಸಾಕು.”

ಸ್ಪೀಕರಿನ ಪೆಟ್ಟಿಗೆಯನ್ನು ಎಳೆದು ತನ್ನ ಮೊಣಕಾಲಿಗೆ ತಾಗುವಷ್ಟು ಹತ್ತಿರ ತಂದುಕೊಂಡ. ದನಿಯನ್ನು ತುದಿಯವರೆಗೆ ಏರಿಸಿದ.

ಮರಿಮಗಳು ಸುತ್ತುಮೆಟ್ಟಿಲು ಹತ್ತಿದಳು. ದೀಪ ಹಚ್ಚಿದಳು. ಬೆಳಕು ಕಡಲಿನ ಮೇಲೆ ತಿರುಗಿತು. ಹಾಡಲು ಮರಿಮಗಳ ಬಾಯಿ ತೆರೆಯಿತು.

ಕೋಣೆಯಲ್ಲಿ ಫ್ಯಾನಿನ ಸದ್ದು ಮಾತ್ರ ಇತ್ತು.

ಅವಳು ಟಿವಿಯ ಹಿಂದೆ ಕಣ್ಣು ಹಾಯಿಸಿದಳು. ಪೆಟ್ಟಿಗೆ ಎಳೆದ ಭರಕ್ಕೆ ವೈರು ಕಿತ್ತು ನೇತಾಡುತ್ತಿತ್ತು. ಎರಡು ಹೆಜ್ಜೆ ಇಟ್ಟು ಅದನ್ನು ಸಿಕ್ಕಿಸಿದರೆ ಮುಗಿಯಿತು. ಏಳಬೇಕೆಂದು ಅವನ ಕಡೆ ತಿರುಗಿದಳು.

ಅವನು ಟಿವಿ ನೋಡುತ್ತಿರಲಿಲ್ಲ, ಅವಳನ್ನು ನೋಡುತ್ತಿದ್ದ. ಸದ್ದಿಲ್ಲದ ಪೆಟ್ಟಿಗೆಯ ಮೇಲೆ ಅಂಗೈ ಇಟ್ಟು, ಕತ್ತು ಮುಂದೆ ಚಾಚಿ, ಅವಳ ಕಣ್ಣು, ಹುಬ್ಬು, ತುಟಿ, ಒಂದನ್ನೂ ಬಿಡದೆ. ಇಷ್ಟು ದಿನ ಸಾಲು ತಪ್ಪದೆ ನಡೆದು ಬಂದದ್ದೆಲ್ಲ ಆ ನೋಟದಲ್ಲಿತ್ತು. ಅವಳಿಗೆ ಏಳಲಾಗಲಿಲ್ಲ. ಹಾಡು ಕೇಳುವವಳಂತೆ ನಟಿಸಬೇಕೆಂದು ಒಂದು ಕ್ಷಣ ಯೋಚಿಸಿದಳು, ಅದೂ ಬೇಕಾಗಲಿಲ್ಲ. ಅವನ ಮುಖದಲ್ಲಿ ನಗು ಆಗಲೇ ಹರಡತೊಡಗಿತ್ತು. ತನ್ನ ಮುಖ ಏನು ಹೇಳುತ್ತಿದೆ ಎಂದು ಅವಳಿಗೆ ತಿಳಿಯಲಿಲ್ಲ. ಅವನ ಹೆಬ್ಬೆರಳು ಬಂದು ಕೆನ್ನೆಗೆ ತಾಗಿದಾಗಲೇ ಅಲ್ಲಿ ಒದ್ದೆಯಾಗಿರುವುದು ಗೊತ್ತಾಯಿತು. ಆ ಬೆರಳು ಬೆಚ್ಚಗಿತ್ತು, ಅದೂ ಗೊತ್ತಾಯಿತು.

“ಕೇಳಿಸ್ತು,” ಎಂದ ಅವನು. “ಎಷ್ಟು ಚೆನ್ನಾಗಿದೆ ಅಲ್ವಾ?”

“ಹ್ಞೂಂ,” ಎಂದಳು, ಅವನಿಗೆ ಕಾಣುವ ಹಾಗೆ ತಲೆಯಾಡಿಸಿ.

“ಇನ್ನು ಮುಂದಿನ ಭಾನುವಾರ ಏನು ಮಾಡೋದು?”

“ಇನ್ನೊಂದು ಸರಣಿ ಹುಡುಕು,” ಎಂದಳು. “ಉದ್ದದ್ದು.”

ಅವನು ಅವಳ ಕೈಯನ್ನು ತನ್ನ ಕೆನ್ನೆಗೆ ಒತ್ತಿಕೊಂಡು ಬಹಳ ಹೊತ್ತು ಕೂತ. ಆಮೇಲೆ ಚಹಾ ಮಾಡಲು ಒಳಗೆ ಹೋದ. ಪರದೆಯ ಮೇಲೆ ಆಟ ಮಾಡಿದವರ ಹೆಸರುಗಳು ಇನ್ನೂ ಮೇಲೇರುತ್ತಿದ್ದವು. ಅವಳು ಎದ್ದು, ದನಿಯನ್ನು ಪೂರ್ತಿ ತಗ್ಗಿಸಿ, ವೈರನ್ನು ಮೊದಲಿನಂತೆ ಸಿಕ್ಕಿಸಿದಳು.

ಅಕ್ಕ ಕೇಳುತ್ತಾಳೆ. ಆಸ್ಪತ್ರೆಯಲ್ಲಿ ಹಿರಿಯರೂ ಕೇಳುತ್ತಾರೆ. ಹಾಡು ಚೆನ್ನಾಗಿತ್ತು ಎನ್ನುತ್ತೇನೆ ಎಂದುಕೊಂಡಳು. ಮಿಕ್ಕದ್ದನ್ನು ಯಾರಿಗೂ ಹೇಳುವುದಿಲ್ಲ. ಅವನಿಗಂತೂ ಎಂದಿಗೂ ಇಲ್ಲ.